ಮಗಳಿಗೆ ಸಲ್ಲದ ಹೆಸರು

ತೆರಾಜಿಮಾ ಶಿನೊಬು ಎಂಬ ಜಪಾನೀ ನಟಿಯನ್ನು ನಾನು ಮೊದಲು ಕಂಡದ್ದು ‘ಕ್ಯಾಟರ್‌ಪಿಲ್ಲರ್’ ಎಂಬ ಚಿತ್ರದಲ್ಲಿ. 2010ರಲ್ಲಿ ಬಂದ ಈ ಚಿತ್ರದ ನಿರ್ದೇಶಕರು ವಕಮತ್ಸು ಕೋಜಿ. ಚೀನದ ಮೇಲೆ ದಂಡೆತ್ತಿ ಹೋದ ಸೈನಿಕನೊಬ್ಬ ಕೈಕಾಲು ನಾಲ್ಕನ್ನೂ ಕಳೆದುಕೊಂಡು, ಕಿವಿ ಕೇಳದೆ ಮಾತು ಹೊರಡದೆ, ಪದಕಗಳೊಡನೆ ತನ್ನ ಹಳ್ಳಿಗೆ ಮರಳುತ್ತಾನೆ. ಊರು ಅವನನ್ನು ಯುದ್ಧದೇವತೆಯೆಂದು ಪೂಜಿಸುತ್ತದೆ. ಆ ದೇವತೆಗೆ ಉಣ್ಣಿಸುವುದು, ಮೈತೊಳೆಯುವುದು, ಅವನ ಆಸೆಗೆ ಮೈಯೊಡ್ಡುವುದು ಎಲ್ಲವೂ ಹೆಂಡತಿಯ ಪಾಲು. ದಿನಗಳು ಕಳೆದಂತೆ ಅವಳ ಸೇವೆಯೊಳಗೆ ಅಸಹ್ಯ, ಸಿಟ್ಟು, ಕ್ರೌರ್ಯ, ಕರುಣೆ ಒಂದರ ಬೆನ್ನಿಗೊಂದು ತಲೆಯೆತ್ತುತ್ತವೆ. ಇಷ್ಟನ್ನೂ ಹೆಚ್ಚು ಮಾತಿಲ್ಲದೆ, ಬರಿಯ ಮುಖದಲ್ಲಿ ತೋರಿದಾಕೆ ಶಿನೊಬು. ಆ ವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿಗೆಂದು ಕೊಡುವ ರಜತ ಕರಡಿ ಆಕೆಗೆ ಸಂದಿತು. 1964ರಲ್ಲಿ ಹಿದಾರಿ ಸಚಿಕೊ, 1975ರಲ್ಲಿ ತನಕಾ ಕಿನುಯೊ, ಅವರ ನಂತರ 35 ವರ್ಷಕ್ಕೆ ಈಕೆ.

ಇಂಥವಳು ಯಾರ ಮಗಳು ಎಂದು ವಿಚಾರಿಸಿದೆ. ಮೇಷ್ಟರುಗಳಿಗೆ ಇದೊಂದು ಚಟ; ಕವಿಯೊಬ್ಬನ ಹೆಸರು ಕಿವಿಗೆ ಬಿದ್ದರೆ ಸಾಕು, ಕಾಲ ಯಾವುದು, ತಂದೆ ಯಾರು, ಆಶ್ರಯದಾತ ಯಾರು ಎಂದು ಕೆದಕದೆ ಬಿಡೆವು. ಸಾಮಾನ್ಯವಾಗಿ ಈ ಕೆದಕಾಟದಿಂದ ಪರೀಕ್ಷೆಗೊಂದು ಟಿಪ್ಪಣಿ ದೊರೆಯುತ್ತದೆಯೇ ಹೊರತು ಕಾವ್ಯ ತಿಳಿಯುವುದಿಲ್ಲ. ಈ ಸಲ ಹಾಗಾಗಲಿಲ್ಲ.

ಶಿನೊಬು ಅವರ ತಂದೆ ಕಬುಕಿ ರಂಗದ ಏಳನೆಯ ಒನೊಯೆ ಕಿಕುಗೊರೊ. ಏಳನೆಯ ಎಂದರೆ ಏಳನೆಯ ದೊರೆ ಎಂದಂತೆಯೇ. ಕಬುಕಿ ಮನೆತನಗಳಲ್ಲಿ ಹೊಲಗದ್ದೆಗಿಂತ ಹೆಸರೇ ದೊಡ್ಡ ಆಸ್ತಿ. ಹುಡುಗ ಮೊದಲು ಉಷಿನೊಸುಕೆ ಆಗುತ್ತಾನೆ. ಮೀಸೆ ಮೂಡುವ ಕಾಲಕ್ಕೆ ಕಿಕುನೊಸುಕೆ. ಪಕ್ವವಾದ ಮೇಲೆ, ಹಿರಿಯರೂ ರಸಿಕರೂ ಒಪ್ಪಿದರೆ, ಕಿಕುಗೊರೊ. ಮೊದಲನೆಯ ಕಿಕುಗೊರೊ ಹುಟ್ಟಿದ್ದು 1717ರಲ್ಲಿ. ಆರನೆಯವರು 1949ರಲ್ಲಿ ತೀರಿಕೊಂಡ ಮೇಲೆ ಆ ಹೆಸರು 24 ವರ್ಷ ಬರಿದಾಗಿಯೇ ಉಳಿದು, 1973ರಲ್ಲಿ ಶಿನೊಬುವಿನ ತಂದೆಗೆ ಬಂದಿತು. ತೆರಾಜಿಮಾ ಎಂಬುದು ಈ ಕುಟುಂಬದ ಮನೆಯ ಹೆಸರು, ಒನೊಯೆ ಎಂಬುದು ರಂಗದ ಹೆಸರು. ಮಗಳು ತೆರಾಜಿಮಾ ಆಗಿಯೇ ಉಳಿದಳು; ಅವಳಿಗಿಂತ ಐದು ವರ್ಷ ಕಿರಿಯನಾದ ತಮ್ಮ ಒನೊಯೆ ಆದ. ಏಕೆಂದರೆ ಕಬುಕಿಯಲ್ಲಿ ಹೆಣ್ಣಿಗೆ ಪಾತ್ರವಿಲ್ಲ.

ವಿಚಿತ್ರವೆಂದರೆ ಆ ಕಲೆಯನ್ನು ಹುಟ್ಟಿಸಿದವಳೇ ಹೆಣ್ಣು. 1603ರಲ್ಲಿ ಕ್ಯೋಟೊ ನಗರದಲ್ಲಿ ಇಜುಮೊದ ಓಕುನಿ ಎಂಬವಳು ಗಂಡುಡುಗೆ ತೊಟ್ಟು, ಸೊಂಟಕ್ಕೆ ಕತ್ತಿ ಸಿಕ್ಕಿಸಿ ಕುಣಿದಳು. ಜನ ಮುಗಿಬಿದ್ದು ನೋಡಿದರು. ಬಳಿಕ ವೇಶ್ಯಾಗೃಹಗಳ ಹೆಂಗಸರೂ ಅದೇ ಆಟ ಹೂಡಿದರು, ಪ್ರೇಕ್ಷಕರಲ್ಲಿ ಹೊಡೆದಾಟಗಳಾದವು. 1629ರಲ್ಲಿ ಸರ್ಕಾರ ಹೆಂಗಸರನ್ನು ರಂಗದಿಂದ ಹೊರಗಟ್ಟಿತು. ಅವರ ಸ್ಥಾನಕ್ಕೆ ಚೆಲುವರಾದ ಹದಿಹರೆಯದ ಹುಡುಗರು ಬಂದರು. ರಸಿಕರು ಅವರಿಗಾಗಿಯೂ ಹೊಡೆದಾಡಿದ್ದರಿಂದ 1652ರಲ್ಲಿ ಹುಡುಗರಿಗೂ ನಿಷೇಧವಾಯಿತು. ಕೊನೆಗೆ ಉಳಿದವರು ಮುಂದಲೆ ಬೋಳಿಸಿಕೊಂಡ ಪ್ರಾಯದ ಗಂಡಸರು. ಕಬುಕಿ ಎಂಬ ಮಾತನ್ನು ಮೂರು ಅಕ್ಷರಗಳಲ್ಲಿ ಬರೆಯುತ್ತಾರೆ: ಹಾಡು, ಕುಣಿತ, ಕುಶಲತೆ. ಹಿಂದಿನ ಕಾಲದಲ್ಲಿ ಕಡೆಯ ಅಕ್ಷರವನ್ನು ‘ಹೆಣ್ಣು’ ಎಂಬ ಅಂಗ ಸೇರಿಸಿಯೂ ಬರೆಯುತ್ತಿದ್ದರು. ಈಗ ನೆಲೆನಿಂತಿರುವ ರೂಪದಲ್ಲಿ ಅದರ ಜಾಗದಲ್ಲಿ ‘ಮನುಷ್ಯ’ ಎಂಬ ಅಂಗವಿದೆ. ಭಾಷೆ ಕಲಿಸುವ ನನಗೆ ಈ ಒಂದು ತಿದ್ದುಪಡಿ ಇಡೀ ಚರಿತ್ರೆಗಿಂತ ಹೆಚ್ಚು ಕಾಡಿತು.

ಗಂಡಸರು ಸ್ತ್ರೀಪಾತ್ರವನ್ನು ಅದ್ಭುತವಾಗಿ ಬೆಳೆಸಿದರೆಂಬುದನ್ನು ಅಲ್ಲಗಳೆಯಲಾಗದು. ಅಂಥ ನಟರಿಗೆ ಒನ್ನಗಾತ ಎಂದು ಹೆಸರು. ಹೆಜ್ಜೆಯನ್ನು ಒಳಮುಖವಾಗಿ ಇಡುವುದು, ಭುಜವನ್ನು ಇಳಿಬಿಡುವುದು, ತೋಳಿನ ತುದಿಯಿಂದ ನಾಚಿಕೆ ತೋರುವುದು, ಇವೆಲ್ಲ ತಲೆಮಾರುಗಳ ಸಾಧನೆ. ಶಿನೊಬುವಿನ ಅಜ್ಜ, ತಂದೆಯ ತಂದೆ, ಏಳನೆಯ ಒನೊಯೆ ಬೈಕೊ, ತಮ್ಮ ಕಾಲದ ಹಿರಿಯ ಒನ್ನಗಾತ. 1968ರಲ್ಲಿ ಸರ್ಕಾರ ಅವರನ್ನು ಜೀವಂತ ರಾಷ್ಟ್ರೀಯ ನಿಧಿ ಎಂದು ಗೌರವಿಸಿತು. ಹೆಣ್ಣಾಗಿ ಅಭಿನಯಿಸಿ ಅಜ್ಜ ದೇಶದ ನಿಧಿಯಾದರು. ಹೆಣ್ಣಾಗಿಯೇ ಹುಟ್ಟಿದ ಮೊಮ್ಮಗಳಿಗೆ ಅದೇ ರಂಗದ ಮೇಲೆ ಜಾಗವಿರಲಿಲ್ಲ.

ರಕ್ತದ ಮಾತು, ವಂಶದ ಮಾತು ಎಂದು ಯಾರಾದರೂ ಸಮಾಧಾನ ಹೇಳಬಹುದು. ಆದರೆ ವಂಶಾವಳಿ ಬಿಚ್ಚಿದರೆ ಆ ಸಮಾಧಾನ ನಿಲ್ಲುವುದಿಲ್ಲ. ಬೈಕೊ ಆರನೆಯ ಕಿಕುಗೊರೊವಿನ ದತ್ತುಪುತ್ರ. ಮೂರನೆಯವರೂ ಹೊರಗಿನಿಂದ ಬಂದವರೇ; ನಟನೊಬ್ಬ ಅವರನ್ನು ದತ್ತು ತೆಗೆದುಕೊಂಡಿದ್ದ. ನಾಲ್ಕನೆಯವರು ಮೂರನೆಯವರ ಅಳಿಯ. ಐದನೆಯವರು, ಮೇಜಿ ಕಾಲದ ಮಹಾನಟ, ಮೂರನೆಯವರ ಮಗಳ ಮಗ. ನಮ್ಮ ಹಳೆಯ ಮಾತಿನಲ್ಲಿ ಹೇಳಬೇಕಾದರೆ ದೌಹಿತ್ರ. ಹೀಗೆ ಹೆಸರು ಎರಡು ಸಲ ಹೆಣ್ಣುಮಕ್ಕಳ ಮೂಲಕ ಹಾದು ಬಂದಿದೆ. ಒಮ್ಮೆ ಮಗಳ ಗಂಡನಿಗೆ, ಒಮ್ಮೆ ಮಗಳ ಮಗನಿಗೆ. ಮಗಳಿಗೆ ಮಾತ್ರ ಇಲ್ಲ.

ಇನ್ನೊಂದು ಪ್ರಸಂಗವನ್ನು ಹೇಳದೆ ಮುಂದೆ ಹೋಗಲಾರೆ. ‘ಕಗಾಮಿಜಿಶಿ’ ಎಂಬ ಪ್ರಸಿದ್ಧ ನೃತ್ಯವೊಂದಿದೆ. ಮೊದಲರ್ಧದಲ್ಲಿ ನಟ ಅರಮನೆಯ ನಾಚುವ ತರುಣಿ. ಎರಡನೆಯ ಅರ್ಧದಲ್ಲಿ ನೆಲ ಗುಡಿಸುವಷ್ಟು ಉದ್ದದ ಬಿಳಿ ಕೇಸರ ಬೀಸುವ ಸಿಂಹ. 1893ರಲ್ಲಿ ಇದನ್ನು ರಂಗಕ್ಕೆ ತಂದವರು ಒಂಬತ್ತನೆಯ ಇಚಿಕಾವಾ ದಾನ್‌ಜುರೊ. ಮನೆಯಲ್ಲಿ ಮಗಳು ಹಳೆಯ ಸಿಂಹನೃತ್ಯವೊಂದನ್ನು ಅಭ್ಯಾಸಮಾಡುತ್ತಿದ್ದುದನ್ನು ನೋಡಿ ಅವರಿಗೆ ಇದು ಹೊಳೆಯಿತೆಂದು ಹೇಳುತ್ತಾರೆ. ಅವರ ನಂತರ ಈ ನೃತ್ಯವನ್ನು ತಮ್ಮದಾಗಿಸಿಕೊಂಡವರು ಶಿನೊಬುವಿನ ಮುತ್ತಜ್ಜ, ಆರನೆಯ ಕಿಕುಗೊರೊ. 1935ರಲ್ಲಿ ಅವರ ಈ ಕುಣಿತವನ್ನು ಚಿತ್ರೀಕರಿಸಿದವರು ಓಜು ಯಸುಜಿರೊ. ಮಗಳೊಬ್ಬಳ ಅಭ್ಯಾಸದಿಂದ ಹುಟ್ಟಿದ ನೃತ್ಯ ಗಂಡುಮಕ್ಕಳ ಕೈಯಿಂದ ಕೈಗೆ ದಾಟಿತು.

ಶಿನೊಬು ಹುಟ್ಟಿದ್ದು 1972ರ ಡಿಸೆಂಬರಿನಲ್ಲಿ. ತಾಯಿಯೂ ಸಾಮಾನ್ಯಳಲ್ಲ. ಫುಜಿ ಜುಂಕೊ ಎಂಬ ಹೆಸರಿನಲ್ಲಿ ಆಕೆ 1968ರಿಂದ 1972ರವರೆಗೆ ‘ಕೆಂಪು ಪಿಯೊನಿ’ ಎಂಬ ಹಚ್ಚೆ ಹೊತ್ತ ಜೂಜುಗಾತಿಯಾಗಿ ಎಂಟು ಚಿತ್ರಗಳಲ್ಲಿ ಕತ್ತಿ ಬೀಸಿದವಳು. ತೋಎಯ್ ಸಂಸ್ಥೆಯ ಆ ಬಗೆಯ ಚಿತ್ರಗಳ ದೊಡ್ಡ ನಿರ್ಮಾಪಕ ಶುಂದೊ ಕೋಜಿ ಆಕೆಯ ತಂದೆ. ಕೀರ್ತಿಯ ತುದಿಯಲ್ಲಿದ್ದಾಗಲೇ, ಮದುವೆಯಾಗಿ, ಚಿತ್ರರಂಗ ಬಿಟ್ಟು ಕಬುಕಿ ಮನೆಯ ಸೊಸೆಯಾದಳು. ಆ ಮನೆಯ ಹೆಂಡತಿಯ ಕೆಲಸ ಸಣ್ಣದಲ್ಲ. ಅಭಿಮಾನಿಗಳನ್ನು ರಂಗಮಂದಿರದ ಬಾಗಿಲಲ್ಲಿ ಬಾಗಿ ಎದುರುಗೊಳ್ಳುವುದು, ಶಿಷ್ಯರನ್ನು ನೋಡಿಕೊಳ್ಳುವುದು, ಗಂಡುಮಗುವನ್ನು ಹೆತ್ತು ಅಭ್ಯಾಸಕ್ಕೆ ಕೂರಿಸುವುದು. ಬಹಳ ವರ್ಷಗಳ ನಂತರ ಆಕೆ ಫುಜಿ ಸುಮಿಕೊ ಎಂಬ ಹೊಸ ಹೆಸರಿನಿಂದ ಚಿತ್ರಗಳಿಗೆ ಮರಳಿದ್ದು ಬೇರೆಯ ಕಥೆ.

1984ರಲ್ಲಿ ತಮ್ಮ ಆರರ ವಯಸ್ಸಿನಲ್ಲಿ ಉಷಿನೊಸುಕೆ ಎಂಬ ಹೆಸರಿನಿಂದ ರಂಗವೇರಿದ. ಆಗ ಅಕ್ಕನಿಗೆ ಹನ್ನೊಂದು. ತಾನೂ ಗಂಡಾಗಿ ಹುಟ್ಟಬಾರದಿತ್ತೆ, ಕಬುಕಿ ಆಡಬಾರದಿತ್ತೆ ಎಂದು ಕೊರಗಿದ್ದನ್ನು ಶಿನೊಬು ದೊಡ್ಡವಳಾದ ಮೇಲೆ ಮುಚ್ಚಿಟ್ಟಿಲ್ಲ. ಕಾಲೇಜಿನ ದಿನಗಳಲ್ಲೇ, 1992ರಲ್ಲಿ, ಆಕೆ ಬುಂಗಾಕುಜಾ ಎಂಬ ನಾಟಕ ಮಂಡಳಿ ಸೇರಿದಳು. 1937ರಲ್ಲಿ ಹುಟ್ಟಿದ ಈ ಮಂಡಳಿ ಕಬುಕಿಯ ಸಂಪ್ರದಾಯದಿಂದ ದೂರವಾದ ಹೊಸ ನಾಟಕದ್ದು. ಅಲ್ಲಿ ಹೆಣ್ಣು ಹೆಣ್ಣಾಗಿಯೇ ನಿಲ್ಲಬಹುದಾಗಿತ್ತು. 1996ರಲ್ಲಿ ಆಕೆ ಮಂಡಳಿ ಬಿಟ್ಟು ಸ್ವತಂತ್ರಳಾದಳು. ಅದೇ ವರ್ಷ ತಮ್ಮ ಐದನೆಯ ಕಿಕುನೊಸುಕೆ ಆದ. ಒಬ್ಬರ ಹಾದಿಯಲ್ಲಿ ಮುಂದಿನ ಮೆಟ್ಟಿಲು ಮೊದಲೇ ಕಟ್ಟಿತ್ತು. ಇನ್ನೊಬ್ಬರು ತಮ್ಮ ಮೆಟ್ಟಿಲಿನ ಕಲ್ಲನ್ನೂ ತಾವೇ ಹೊರಬೇಕಾಗಿತ್ತು.

2000ದಲ್ಲಿ ನಿನಗಾವಾ ಯುಕಿಯೊ ಟೋಕಿಯೊದಲ್ಲಿ ಗ್ರೀಕ್ ದುರಂತಗಳನ್ನು ಹೆಣೆದು ಆಡಿಸಿದಾಗ ಅಕ್ಕ ತಮ್ಮ ಒಂದೇ ರಂಗದ ಮೇಲೆ ಬಂದರು. ಆತ ಒರೆಸ್ಟಿಸ್, ಈಕೆ ಎಲೆಕ್ಟ್ರಾ. ತಂದೆಯ ಅರಮನೆಯ ಹೊರಗೆ ನಿಂತು, ಕುದಿಯುತ್ತ, ತಮ್ಮನ ಬರವಿಗಾಗಿ ಕಾಯುವ ಮಗಳ ಪಾತ್ರ ಅದು. ಪಾತ್ರ ಹಂಚಿದ ನಿರ್ದೇಶಕರ ಕಣ್ಣು ಮೆಚ್ಚತಕ್ಕದ್ದು.

2003ರಲ್ಲಿ ಬಂದ ಎರಡು ಚಿತ್ರಗಳು ಆಕೆಯನ್ನು ಮುನ್ನೆಲೆಗೆ ತಂದವು. ‘ವೈಬ್ರೇಟರ್’ನಲ್ಲಿ ಹಿಮದ ರಾತ್ರಿ ಅಪರಿಚಿತ ಲಾರಿ ಚಾಲಕನೊಡನೆ ಹೊರಟುಬಿಡುವ ಒಂಟಿ ಲೇಖಕಿ, ‘ಅಕಾಮೆಯ 48 ಜಲಪಾತಗಳು’ ಎಂಬುದರಲ್ಲಿ ಜೊತೆಯಾಗಿ ಸಾಯೋಣವೆಂದು ಗಂಡಸೊಬ್ಬನನ್ನು ಕರೆದೊಯ್ಯುವ, ಬೆನ್ನ ತುಂಬ ಹಚ್ಚೆಯುಳ್ಳ ಆಯಾ. ಎರಡನೆಯದಕ್ಕೆ ಜಪಾನ್ ಅಕಾಡೆಮಿಯ ಶ್ರೇಷ್ಠ ನಟಿ ಪ್ರಶಸ್ತಿ ಬಂದಿತು. ಎರಡರಲ್ಲೂ ಮೈಯ ಸಂಕೋಚ ತೊರೆದ ದೃಶ್ಯಗಳಿವೆ. ದೊಡ್ಡ ಮನೆತನದ ಮಗಳಿಗೆ ಇದು ತಕ್ಕುದೇ ಎಂದು ಮೂಗುಮುರಿಯುವವರು ಎಲ್ಲ ದೇಶದಲ್ಲೂ ಇರುತ್ತಾರೆ. ನನಗೆ ತೋರುವುದು ಬೇರೆ. ಒನ್ನಗಾತ ತೋರಿಸುವುದು ಆಯ್ದು ಸೋಸಿದ ಹೆಣ್ಣನ್ನು. ಅವಳಿಗೆ ಬೆವರಿಲ್ಲ, ಹಸಿವಿಲ್ಲ, ವಯಸ್ಸಿಲ್ಲ. ಸೋಸಿದಾಗ ಉಳಿದದ್ದೆಲ್ಲ ಶಿನೊಬುವಿನ ಪಾತ್ರಗಳಲ್ಲಿದೆ. ಇದು ಆಕೆ ಯೋಚಿಸಿ ಆರಿಸಿದ್ದೋ, ಬಾಗಿಲು ಮುಚ್ಚಿದ್ದರಿಂದ ತಾನಾಗಿ ಒದಗಿದ್ದೋ, ಹೇಗೇ ಇರಲಿ, ಕಬುಕಿ ಮನೆಯೊಳಗೆ ಬೆಳೆಯದ ಯಾವ ನಟಿಗೂ ಈ ತೀವ್ರತೆ ಬರುತ್ತಿತ್ತೆಂದು ನನಗನಿಸುವುದಿಲ್ಲ.

2007ರಲ್ಲಿ ಆಕೆ ಫ್ರಾನ್ಸಿನವರೊಬ್ಬರನ್ನು ಮದುವೆಯಾದಳು, 2012ರಲ್ಲಿ ಗಂಡುಮಗುವಾಯಿತು. ಆ ಹುಡುಗ 2023ರ ಮೇ ತಿಂಗಳಲ್ಲಿ, ಹತ್ತನೆಯ ವಯಸ್ಸಿನಲ್ಲಿ, ಟೋಕಿಯೊದ ಕಬುಕಿಜಾ ರಂಗಮಂದಿರದಲ್ಲಿ ಒನೊಯೆ ಮಹೊಲೊ ಎಂಬ ಹೆಸರು ಪಡೆದು ಕಬುಕಿ ನಟನಾದ. ತಾಯಿಗೆ ಸಲ್ಲದ ಒನೊಯೆ ಮಗನಿಗೆ ಸಂದಿತು. ಐದನೆಯವರಂತೆ ಈತನೂ ದೌಹಿತ್ರ.

ಅದೇ ವರ್ಷದ ಅಕ್ಟೋಬರಿನಲ್ಲಿ ಅಪರೂಪದ ಸಂಗತಿಯೊಂದು ನಡೆಯಿತು. ಚಿತ್ರ ನಿರ್ದೇಶಕ ಯಮಾದಾ ಯೋಜಿ ಅದೇ ಕಬುಕಿಜಾದಲ್ಲಿ ‘ಬುನ್ಶಿಚಿ ಮೊತ್ತೊಯಿ’ ಎಂಬ ನಾಟಕವನ್ನು ಆಡಿಸಿದರು. ಗಾರೆ ಕೆಲಸದ ಚೋಬೆಯ್ ಜೂಜುಕೋರ. ಅಪ್ಪನ ಸಾಲ ತೀರಲೆಂದು ಮಗಳು ತಾನೇ ಹೋಗಿ ವೇಶ್ಯಾಗೃಹದಲ್ಲಿ ಒತ್ತೆ ನಿಲ್ಲುತ್ತಾಳೆ. ಅವಳ ಮೇಲೆ ಸಿಕ್ಕ 50 ರ್ಯೋ ಹಣವನ್ನು ಚೋಬೆಯ್ ದಾರಿಯಲ್ಲಿ ನೀರಿಗೆ ಹಾರಲಿದ್ದ ಅಪರಿಚಿತ ತರುಣನಿಗೆ ಕೊಟ್ಟು ಬರಿಗೈಯಲ್ಲಿ ಮನೆಗೆ ಬರುತ್ತಾನೆ. ಮನೆಯಲ್ಲಿ ಹೆಂಡತಿ ಒಕಾನೆ ಅವನನ್ನು ಹರಿದು ತಿನ್ನುವಂತೆ ಬಯ್ಯುತ್ತಾಳೆ. ಹಿಂದೆ ಎಷ್ಟೋ ಗಂಡಸರು ಆಡಿದ ಆ ಒಕಾನೆಯ ಪಾತ್ರವನ್ನು ಈ ಸಲ ಆಡಿದಾಕೆ ಶಿನೊಬು. ಆಗ ಆಕೆಗೆ ಐವತ್ತು. ಈ ನಾಟಕವನ್ನು 1902ರಲ್ಲಿ ಮೊದಲು ಕಬುಕಿಗೆ ತಂದು ಚೋಬೆಯ್ ಆಗಿ ಮೆರೆದವರು ಐದನೆಯ ಕಿಕುಗೊರೊ, ಅಂದರೆ ಆಕೆಯ ಮುತ್ತಜ್ಜನ ತಂದೆ. ಮನೆಯ ನಾಟಕದೊಳಕ್ಕೆ ಮನೆಮಗಳು ಬರಲು 121 ವರ್ಷ ಹಿಡಿಯಿತು. ಬಂದದ್ದು ಅತಿಥಿಯಾಗಿ, ತೆರಾಜಿಮಾ ಎಂಬ ಹೆಸರಿನಲ್ಲಿ.

2025ರ ಮೇ ತಿಂಗಳಲ್ಲಿ ತಮ್ಮ ಎಂಟನೆಯ ಕಿಕುಗೊರೊ ಆದ. ತಂದೆ ಏಳನೆಯವರಾಗಿಯೇ ಉಳಿದದ್ದರಿಂದ ಕಬುಕಿಗೆ ಏಕಕಾಲಕ್ಕೆ ಇಬ್ಬರು ಕಿಕುಗೊರೊಗಳು. ತಮ್ಮನ ಮಗ ಆರನೆಯ ಕಿಕುನೊಸುಕೆ. ಆ ಸಂಭ್ರಮಕ್ಕೆ ಆಡಿದ ನೃತ್ಯಗಳಲ್ಲೊಂದು ‘ಮುಸುಮೆ ದೋಜೊಜಿ’. ಮುಸುಮೆ ಎಂದರೆ ತರುಣಿ, ಮಗಳು ಎಂದೂ ಆಗುತ್ತದೆ. ಹನಾಕೊ ಎಂಬ ಆ ಒಬ್ಬಳೇ ತರುಣಿಯನ್ನು ಮೂವರು ಹಂಚಿಕೊಂಡು ಕುಣಿದರು: ಬಂದೊ ತಮಸಬುರೊ, ಎಂಟನೆಯ ಕಿಕುಗೊರೊ, ಮತ್ತು ಹನ್ನೊಂದು ವರ್ಷದ ಹುಡುಗ.

ಮರುತಿಂಗಳು ‘ಕೊಕುಹೊ’ ಎಂಬ ಚಿತ್ರ ತೆರೆಗೆ ಬಂದಿತು. ನಟರು ಆಡಿದ ಜಪಾನೀ ಚಿತ್ರಗಳ ಗಳಿಕೆಯ ಹಳೆಯ ದಾಖಲೆಯನ್ನು ಆ ವರ್ಷದಲ್ಲೇ ಮುರಿಯಿತು. ಕಬುಕಿ ಮನೆಯೊಂದರ ಯಜಮಾನ ಗೂಂಡಾ ನಾಯಕನೊಬ್ಬನ ಅನಾಥ ಮಗನನ್ನು ತಂದು ಸಾಕಿ, ತಾನು ಗಾಯಗೊಂಡು ಮಲಗಿದಾಗ ಸ್ವಂತ ಮಗನನ್ನು ಬಿಟ್ಟು ತನ್ನ ಪಾತ್ರವನ್ನು ಆ ಹುಡುಗನಿಗೆ ಕೊಡುತ್ತಾನೆ. ಮನೆಯ ಮಗನಿರುವಾಗ ಹೊರಗಿನವನಿಗೇಕೆ ಎಂದು ಅವನ ಹೆಂಡತಿ ಸಚಿಕೊ ಜಗಳಕ್ಕೆ ನಿಲ್ಲುತ್ತಾಳೆ. ಆ ಪಾತ್ರವನ್ನು ಶಿನೊಬುವಿಗೆ ಕೊಟ್ಟಿದ್ದರು. ಕಿಮೋನೊದ ಅಂಚು ಸರಿಪಡಿಸಿಕೊಳ್ಳುವ ರೀತಿ, ಬಾಗಿಲಲ್ಲಿ ಬಾಗುವ ರೀತಿ, ಗಂಡನ ಮುಂದೆ ದನಿಯೇರಿಸಿ ಮತ್ತೆ ಇಳಿಸಿಕೊಳ್ಳುವ ರೀತಿ, ಇವನ್ನು ಆಕೆಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.