ಡಿಸೋಜ: ಒಂದು ಕುಲನಾಮ ನಡೆದುಬಂದ ದಾರಿ

ಕರಾವಳಿಯ ಯಾವ ಇಗರ್ಜಿಯ ಕುಟುಂಬಗಳ ಪಟ್ಟಿ ತೆರೆದರೂ ಅದರಲ್ಲಿ ಡಿಸೋಜರು ಇದ್ದೇ ಇರುತ್ತಾರೆ. ಇವರೆಲ್ಲ ಒಂದೇ ಮೂಲದವರೇ ಎಂದು ಮನೆಯ ಮಕ್ಕಳು ಕೇಳುವುದುಂಟು. ಹೆಸರು ಒಂದೇ ಆದರೂ ಮೂಲ ಒಂದಲ್ಲ. ಅದು ಹೇಗೆಂದು ತಿಳಿಯಲು ಪೋರ್ಚುಗಲ್‌ನ ಒಂದು ಸಣ್ಣ ನದಿಯಿಂದ ಆರಂಭಿಸಬೇಕು.

ಉತ್ತರ ಪೋರ್ಚುಗಲ್‌ನ ಫೆಲ್ಗೇರಾಶ್ ಸೀಮೆಯಲ್ಲಿ ಹುಟ್ಟುವ ಸೋಜಾ ನದಿ ಪೋರ್ಟೊ ನಗರದ ಹತ್ತಿರ ಡೌರೊ ನದಿಗೆ ಸೇರುತ್ತದೆ. ‘ದೆ ಸೋಜಾ’ ಎಂದರೆ ಆ ಸೀಮೆಯವರು. 11ನೇ ಶತಮಾನದಲ್ಲಿ ಅಲ್ಲಿ ಒಡೆಯನಾಗಿದ್ದ ಎಗಾಸ್ ಗೋಮೆಸ್ ಈ ಹೆಸರನ್ನು ಮೊದಲು ಇಟ್ಟುಕೊಂಡವನೆಂದು ಪರಂಪರೆ ಹೇಳುತ್ತದೆ. ಅಲ್ಲಿನ ಪೊಂಬೇರೊ ಮಠ ಈ ಮನೆತನದವರ ಸಮಾಧಿಸ್ಥಳವಾಗಿತ್ತು. 13ನೇ ಶತಮಾನದಲ್ಲಿ ಮನೆತನದ ಗಂಡುಸಂತಾನ ನಿಂತುಹೋಯಿತು. ಆಗ ಹೆಸರನ್ನು ಉಳಿಸಿದವರು ಇಬ್ಬರು ಹೆಣ್ಣುಮಕ್ಕಳು. ದೊರೆ ಮೂರನೆಯ ಅಫೊನ್ಸೊನ ವಿವಾಹೇತರ ಪುತ್ರರನ್ನು ಅವರು ಮದುವೆಯಾದರು. ಅವರ ಮಕ್ಕಳಿಂದ ಸೋಜಾ ಮನೆತನ ಎರಡು ಕವಲಾಗಿ ಮತ್ತೆ ಬೆಳೆಯಿತು.

ಪೋರ್ಚುಗೀಸರು ಕಡಲಿಗಿಳಿದಾಗ ಹೆಸರೂ ಹಡಗೇರಿತು. ಮಾರ್ತಿಂ ಅಫೊನ್ಸೊ ದೆ ಸೋಜಾ 1532ರಲ್ಲಿ ಬ್ರೆಜಿಲ್‌ನಲ್ಲಿ ಸಾವೊ ವಿಸೆಂಟೆ ಎಂಬ ವಸಾಹತನ್ನು ಸ್ಥಾಪಿಸಿದ. 1541ರಲ್ಲಿ ಆತ ಲಿಸ್ಬನ್‌ನಿಂದ ಹೊರಟ ಹಡಗಿನಲ್ಲೇ ಸಂತ ಫ್ರಾನ್ಸಿಸ್ ಕ್ಸೇವಿಯರರೂ ಇದ್ದರು. 1542ರಿಂದ 1545ರವರೆಗೆ ಆತ ಗೋವೆಯಲ್ಲಿ ಗವರ್ನರ್ ಆಗಿದ್ದ. ಅದೇ ಮನೆತನದ ತೊಮೆ ದೆ ಸೋಜಾ 1549ರಲ್ಲಿ ಬ್ರೆಜಿಲ್‌ನ ಮೊದಲ ಗವರ್ನರ್ ಜನರಲ್ ಆಗಿ ಬಂದು ಸಾಲ್ವಡಾರ್ ನಗರವನ್ನು ಕಟ್ಟಿದ.

ಆದರೆ ಲಕ್ಷಾಂತರ ಮನೆಗಳಿಗೆ ಈ ಹೆಸರು ಬಂದದ್ದು ಇಂಥ ಅಧಿಕಾರಿಗಳ ಸಂತತಿಯಿಂದಲ್ಲ. ಗೋವೆಯಲ್ಲಿ ಕ್ರೈಸ್ತರಾದವರಿಗೆ ದೀಕ್ಷಾಸ್ನಾನ ಕೊಟ್ಟ ಪಾದ್ರಿಯ ಅಥವಾ ಜೊತೆ ನಿಂತ ಧರ್ಮಪಿತನ ಕುಲನಾಮವನ್ನು ಇಡುವುದು ರೂಢಿಯಾಗಿತ್ತು. ಹೀಗಾಗಿ ಒಂದೇ ಕುಲದವರು ಬೇರೆ ಬೇರೆ ಕಡೆ ದೀಕ್ಷೆ ಪಡೆದು ಒಬ್ಬರು ಡಿಸೋಜ, ಇನ್ನೊಬ್ಬರು ಫೆರ್ನಾಂಡಿಸ್, ಮತ್ತೊಬ್ಬರು ಪಿಂಟೊ ಆಗಬಹುದಿತ್ತು. ಯಾವ ನಂಟೂ ಇಲ್ಲದ ಮನೆಗಳವರು ಒಟ್ಟಿಗೆ ಡಿಸೋಜರಾಗಬಹುದಿತ್ತು.

ಬೇರೆ ನಾಡುಗಳಲ್ಲಿ ಈ ಹೆಸರು ನೋವನ್ನೂ ಹೊತ್ತಿದೆ. ಬ್ರೆಜಿಲ್‌ನ ದೊಡ್ಡ ಕವಿ ಜೊವಾವೊ ದ ಕ್ರೂಜ್ ಎ ಸೋಜಾ 1861ರಲ್ಲಿ ಹುಟ್ಟಿದ್ದು ಗುಲಾಮಗಿರಿಯಿಂದ ಬಿಡುಗಡೆಯಾದ ಕಪ್ಪು ದಂಪತಿಗಳಿಗೆ. ಅವನ ಹೆಸರಿನ ಸೋಜಾ ಹಳೆಯ ಯಜಮಾನನದು. ಪಶ್ಚಿಮ ಆಫ್ರಿಕಾದ ವೀದಾ ಬಂದರಿನಲ್ಲಿ ಗುಲಾಮರ ವ್ಯಾಪಾರ ನಡೆಸಿದ ಫ್ರಾನ್ಸಿಸ್ಕೊ ಫೆಲಿಕ್ಸ್ ದೆ ಸೋಜಾ 1849ರಲ್ಲಿ ತೀರಿಕೊಂಡ. ಅವನ ವಂಶದವರು ಇಂದಿಗೂ ಬೆನಿನ್ ದೇಶದಲ್ಲಿದ್ದಾರೆ. ಮಾರಿದವನದೂ ಮಾರಲ್ಪಟ್ಟವರ ಮಗನದೂ ಒಂದೇ ಕುಲನಾಮ. ಎರಡನೆಯ ಮಹಾಯುದ್ಧದಲ್ಲಿ ಮನುಷ್ಯತ್ವ ಮೆರೆದ ಒಬ್ಬರ ಹೆಸರಿನಲ್ಲೂ ಅದಿದೆ. ಬೋರ್ಡೊದಲ್ಲಿ ಪೋರ್ಚುಗಲ್‌ನ ಕಾನ್ಸುಲ್ ಆಗಿದ್ದ ಅರಿಸ್ಟಿಡಿಸ್ ದೆ ಸೋಜಾ ಮೆಂಡಿಸ್ 1940ರಲ್ಲಿ ಸರ್ಕಾರದ ಆಜ್ಞೆಯನ್ನು ಮೀರಿ ನಿರಾಶ್ರಿತರಿಗೆ ವೀಸಾ ಬರೆದುಕೊಟ್ಟು ಸಾವಿರಾರು ಜನರನ್ನು ಕಾಪಾಡಿದರು.

ಇನ್ನು ನಮ್ಮ ಕರಾವಳಿಯ ಕ್ರೈಸ್ತರ ಹಿರಿಯರು ಗೋವೆ ಬಿಟ್ಟು ತೆಂಕಣಕ್ಕೆ ಬಂದದ್ದು ಹಲವು ಅಲೆಗಳಲ್ಲಿ. ಇನ್‌ಕ್ವಿಸಿಷನ್ ಎಂಬ ಧರ್ಮವಿಚಾರಣಾ ನ್ಯಾಯಾಲಯದ ಕಾಟ, ಬರಗಾಲ, ರೋಗರುಜಿನ, ಮರಾಠರ ದಾಳಿ ಇವೆಲ್ಲ ಅದಕ್ಕೆ ಕಾರಣ. ಕೆಳದಿ ನಾಯಕರ ಆಳ್ವಿಕೆಯಲ್ಲಿ ಗದ್ದೆ ಮಾಡಿಕೊಂಡು ಅವರು ಇಲ್ಲಿ ಬೇರೂರಿದರು. 1784ರಲ್ಲಿ ಟಿಪ್ಪು ಸುಲ್ತಾನ್ ಈ ಸಮುದಾಯವನ್ನು ಸೆರೆಹಿಡಿದು ಶ್ರೀರಂಗಪಟ್ಟಣಕ್ಕೆ ಸಾಗಿಸಿದ. ಇಗರ್ಜಿಗಳು ನೆಲಸಮವಾದವು. 1799ರಲ್ಲಿ ಟಿಪ್ಪು ಮಡಿದ ನಂತರ ಬದುಕುಳಿದವರು ಮರಳಿ ಬಂದು ಮನೆಗಳನ್ನೂ ಇಗರ್ಜಿಗಳನ್ನೂ ಮತ್ತೆ ಕಟ್ಟಿದರು. ಇಷ್ಟೆಲ್ಲ ನಡೆದರೂ ಪ್ರಭು, ಕಾಮತ್, ಶೆಣೈ, ನಾಯಕ್, ಪೈ ಎಂಬ ಪೂರ್ವಿಕರ ಕುಲನಾಮಗಳು ಹಲವು ಮನೆಗಳ ನೆನಪಿನಲ್ಲಿ ಉಳಿದಿವೆ. ಹೆಸರು ಒಂದಾದರೆ ಮೂಲವೂ ಒಂದಾಗಬೇಕಿಲ್ಲವಾದ್ದರಿಂದ ಡಿಸೋಜರ ಹುಡುಗ ಡಿಸೋಜರ ಹುಡುಗಿಯನ್ನು ಮದುವೆಯಾಗಲು ಧರ್ಮಸಭೆಯ ಅಡ್ಡಿಯಿಲ್ಲ. ಅದು ನೋಡುವುದು ರಕ್ತಸಂಬಂಧವನ್ನು, ಹೆಸರನ್ನಲ್ಲ.

ಹೊರಗಿನಿಂದ ಬಂದ ಹೆಸರು ಈ ಮಣ್ಣಿನದಾಯಿತು ಎನ್ನಲು ಸಾಗರದ ನಾ. ಡಿಸೋಜರೇ ಸಾಕ್ಷಿ. ಶರಾವತಿಯ ಅಣೆಕಟ್ಟಿನಿಂದ ನೆಲೆ ಕಳೆದುಕೊಂಡವರ ಸಂಕಟವನ್ನು ಕನ್ನಡ ಕಾದಂಬರಿಗೆ ತಂದ ಅವರು 2014ರಲ್ಲಿ ಮಡಿಕೇರಿಯ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರಾದರು.

ಕುಲನಾಮ ಜಾತಿಯ ಹೆಮ್ಮೆಗೂ ಆಗಬಾರದು, ವಿದೇಶಿ ಮೂಲದ ಜಂಬಕ್ಕೂ ಆಗಬಾರದು. ಅದು ನಮ್ಮವರು ಯಾವ ದಾರಿಯಲ್ಲಿ ಬಂದರೆಂದು ತಿಳಿಯಲು ಸಿಕ್ಕಿದ ಮೊದಲ ಸುಳಿವು. ಈ ಸಂಚಿಕೆಯನ್ನು ಓದುವ ಪ್ರತಿ ಕುಟುಂಬದಲ್ಲೂ ನನ್ನದೊಂದು ಕೋರಿಕೆ: ಮನೆಯ ಅತಿ ಹಿರಿಯರನ್ನು ಮಾತಾಡಿಸಿ. ಹಳೆಯ ಕುಲನಾಮ ಯಾವುದು, ಮೊದಲ ಗದ್ದೆ ಎಲ್ಲಿತ್ತು, ಅಜ್ಜಿಯ ತವರು ಯಾವ ಊರು, ಇವನ್ನೆಲ್ಲ ಬರೆದಿಡಿ. ಇಗರ್ಜಿಯ ದೀಕ್ಷಾಸ್ನಾನದ ಪುಸ್ತಕದೊಂದಿಗೆ ತಾಳೆ ನೋಡಿ. ತಾಯಂದಿರ ಕಡೆಯ ಹೆಸರುಗಳನ್ನು ಬಿಡಬೇಡಿ, ಏಕೆಂದರೆ ಸೋಜಾ ಹೆಸರನ್ನು ಒಮ್ಮೆ ಉಳಿಸಿಕೊಟ್ಟವರೇ ಅವರು.