ಧ್ವನಿ ಮಾರ್ಗದರ್ಶಿ ನಗರದರ್ಶನ (ಬೆಂಗಳೂರು ದಂಡು ಪ್ರದೇಶ)

'''ಧ್ವನಿ ಮಾರ್ಗದರ್ಶಿ ನಗರದರ್ಶನ''' ಎಂದರೆ ಪ್ರವಾಸಿಗನು ಮಾರ್ಗದರ್ಶಕನ ನೆರವಿಲ್ಲದೆ, ಮೊದಲೇ ಮುದ್ರಿಸಿದ ನಿರೂಪಣೆಯನ್ನು ಕೇಳುತ್ತ ತನ್ನ ಅನುಕೂಲದ ವೇಗದಲ್ಲಿ ಐತಿಹಾಸಿಕ ತಾಣಗಳನ್ನು ನೋಡುವ ಪದ್ಧತಿ. ನಿರೂಪಣೆಯನ್ನು ಸಾಮಾನ್ಯವಾಗಿ ಟಿಕೆಟ್ಟಿನ ಭಾಗವಾಗಿ ಅಥವಾ ಪ್ರತ್ಯೇಕ ಶುಲ್ಕಕ್ಕೆ ಒದಗಿಸಲಾಗುತ್ತದೆ. ಕರ್ನಾಟಕದಲ್ಲಿ ಇದರ ಪರಿಚಿತ ಉದಾಹರಣೆ ಮೈಸೂರು ಅರಮನೆ. ಬೆಂಗಳೂರಿನ ದಂಡು ಪ್ರದೇಶ ಹಾಗೂ ಶಿವಾಜಿನಗರ, ಹಲಸೂರು, ಇಂದಿರಾನಗರ ಮತ್ತು ಕೃಷ್ಣರಾಜಪುರಗಳ ಸ್ಥಿತಿ ಇದಕ್ಕಿಂತ ಭಿನ್ನವಾದುದು. ಇಲ್ಲಿನ ಹೆಚ್ಚಿನ ಸ್ಮಾರಕಗಳು ಇಂದಿಗೂ ಬಳಕೆಯಲ್ಲಿರುವ ದೇವಾಲಯ, ಚರ್ಚು, ಮಾರುಕಟ್ಟೆ ಮತ್ತು ಕೆರೆಗಳು. ಇವುಗಳಿಗೆ ಆವರಣದ ಪ್ರವೇಶ ಶುಲ್ಕವಾಗಲಿ ಟಿಕೆಟ್ ಕಟ್ಟೆಯಾಗಲಿ ಇಲ್ಲ. ಆದ್ದರಿಂದ ಇಲ್ಲಿ ನಗರದರ್ಶನವೆಂಬುದು ಒಂದು ಕಟ್ಟಡದೊಳಗಿನ ವೀಕ್ಷಣೆಯಾಗಿರದೆ, ಬೀದಿಯಿಂದ ಬೀದಿಗೆ ಸಾಗುವ ನಡಿಗೆಯಾಗಿದೆ.

== ಪದ್ಧತಿಯ ಇತಿಹಾಸ ==

ಧ್ವನಿ ಮಾರ್ಗದರ್ಶಿಯ ಮೊದಲ ಬಳಕೆ 1952ರಲ್ಲಿ ನೆದರ್ಲೆಂಡ್ಸ್‌ನ ಆಮ್‌ಸ್ಟರ್‌ಡ್ಯಾಮ್ ನಗರದ ಸ್ಟೆಡೆಲೆಕ್ ವಸ್ತುಸಂಗ್ರಹಾಲಯದಲ್ಲಿ ನಡೆಯಿತೆಂದು ಪರಿಗಣಿಸಲಾಗಿದೆ. ಅಲ್ಲಿ ನಿರೂಪಣೆಯನ್ನು ರೇಡಿಯೋ ಅಲೆಗಳ ಮೂಲಕ ಪ್ರಸಾರ ಮಾಡಲಾಗುತ್ತಿತ್ತು. ಆದಕಾರಣ ಎಲ್ಲ ಸಂದರ್ಶಕರೂ ಒಂದೇ ಹೊತ್ತಿಗೆ ಒಂದೇ ಮಾತನ್ನು ಕೇಳಬೇಕಾಗಿತ್ತು. ಮುಂದೆ ಟೇಪ್ ಮತ್ತು ಕ್ಯಾಸೆಟ್ಟುಗಳು ಬಂದಾಗ ಪ್ರತಿಯೊಬ್ಬನೂ ತನ್ನದೇ ವೇಗದಲ್ಲಿ ಕೇಳುವುದು ಸಾಧ್ಯವಾಯಿತು. ಡಿಜಿಟಲ್ ಉಪಕರಣಗಳ ಕಾಲದಲ್ಲಿ ತಾಣದ ಸಂಖ್ಯೆಯನ್ನು ಒತ್ತಿ ಅದರ ವಿವರಣೆಯನ್ನು ಆಲಿಸುವ ಕ್ರಮ ರೂಢಿಗೆ ಬಂತು.

ಮೊಬೈಲ್ ದೂರವಾಣಿಯ ಬಳಕೆ ವ್ಯಾಪಕವಾದ ನಂತರ ಪ್ರತ್ಯೇಕ ಉಪಕರಣದ ಅಗತ್ಯ ಕಡಿಮೆಯಾಗಿದೆ. ಕ್ಯೂಆರ್ ಸಂಕೇತವನ್ನು ಸ್ಕ್ಯಾನ್ ಮಾಡಿದಾಗ ಅಥವಾ ಜಿಪಿಎಸ್ ಮೂಲಕ ನಡೆಯುವವನ ಸ್ಥಾನ ಗುರುತಾದಾಗ ನಿರೂಪಣೆ ತಾನಾಗಿ ಆರಂಭವಾಗುವ ವ್ಯವಸ್ಥೆಗಳಿವೆ. ಭಾರತ ಸರ್ಕಾರದ ಪ್ರವಾಸೋದ್ಯಮ ಸಚಿವಾಲಯವು 2019ರಲ್ಲಿ ‘ಆಡಿಯೋ ಒಡಿಗೋಸ್’ ಎಂಬ ಧ್ವನಿ ಮಾರ್ಗದರ್ಶಿ ಸೌಲಭ್ಯವನ್ನು ದೇಶದ 12 ತಾಣಗಳಿಗೆ ಆರಂಭಿಸಿತು.

== ದಂಡು ಪ್ರದೇಶದ ಹಿನ್ನೆಲೆ ==

1791ರ ಮಾರ್ಚ್‌ನಲ್ಲಿ ಕಾರ್ನ್‌ವಾಲಿಸನ ಸೈನ್ಯವು ಕೋಲಾರ, ಹೊಸಕೋಟೆಗಳ ಮಾರ್ಗವಾಗಿ ಪೂರ್ವದಿಂದ ಬಂದು ಬೆಂಗಳೂರಿನ ಪೇಟೆಯನ್ನೂ ಕೋಟೆಯನ್ನೂ ವಶಪಡಿಸಿಕೊಂಡಿತು. ಟಿಪ್ಪು ಸುಲ್ತಾನನ ಪತನಾನಂತರ ಬ್ರಿಟಿಷ್ ಸೈನ್ಯ ಶ್ರೀರಂಗಪಟ್ಟಣದಲ್ಲಿ ನೆಲೆಸಿತ್ತು. ಅಲ್ಲಿನ ಹವೆ ಮತ್ತು ಜ್ವರದ ಬಾಧೆಯನ್ನು ತಾಳಲಾರದೆ 1809ರಲ್ಲಿ ದಂಡನ್ನು ಬೆಂಗಳೂರಿಗೆ, ಹಲಸೂರಿನ ಸಮೀಪದ ಎತ್ತರದ ಬಯಲಿಗೆ ವರ್ಗಾಯಿಸಲಾಯಿತು. ಜನರ ಬಾಯಲ್ಲಿ ಈ ಭಾಗ ‘ದಂಡು’ ಎಂದೇ ಉಳಿದಿದೆ.

1881ರಲ್ಲಿ ಮೈಸೂರು ರಾಜ್ಯ ಒಡೆಯರಿಗೆ ಮರಳಿದರೂ ದಂಡು ಪ್ರದೇಶ ‘ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್’ ಎಂಬ ಹೆಸರಿನಲ್ಲಿ ಬ್ರಿಟಿಷ್ ರೆಸಿಡೆಂಟರ ಆಡಳಿತಕ್ಕೆ ಒಳಪಟ್ಟಿತ್ತು. 1947ರ ಜುಲೈ 26ರಂದು ಅದು ಮೈಸೂರಿಗೆ ಮರಳಿತು. 1949ರಲ್ಲಿ ಪೇಟೆ ಮತ್ತು ದಂಡುಗಳ ಎರಡು ಪುರಸಭೆಗಳು ಕೂಡಿ ಬೆಂಗಳೂರು ನಗರ ಕಾರ್ಪೊರೇಷನ್ ರೂಪುಗೊಂಡಿತು. ಸೈನ್ಯದೊಂದಿಗೆ ಬಂದ ತಮಿಳು, ತೆಲುಗು ಮತ್ತು ಉರ್ದು ಭಾಷಿಕ ಕುಟುಂಬಗಳು, ಆಂಗ್ಲೋ ಇಂಡಿಯನ್ನರು ಹಾಗೂ ಮೊದಲಿನಿಂದ ಇದ್ದ ಹಳ್ಳಿಗಳ ಕನ್ನಡಿಗರು ಸೇರಿ ಈ ಭಾಗಕ್ಕೆ ಬಹುಭಾಷಿಕ ಸ್ವರೂಪವನ್ನು ತಂದರು.

== ಪ್ರಮುಖ ತಾಣಗಳು ==

=== ಮಹಾತ್ಮ ಗಾಂಧಿ ರಸ್ತೆ ===

ಹಿಂದೆ ‘ಸೌತ್ ಪೆರೇಡ್’ ಎಂದು ಕರೆಯಲಾಗುತ್ತಿದ್ದ ಈ ರಸ್ತೆಯು ಸೈನ್ಯದ ಕವಾಯತು ಮೈದಾನದ ದಕ್ಷಿಣ ಅಂಚಿನಲ್ಲಿದೆ. ಇದರ ಪಶ್ಚಿಮ ತುದಿಯ ಬಳಿ ಇರುವ ಸಂತ ಮಾರ್ಕರ ಕೆಥೆಡ್ರಲಿಗೆ 1808ರಲ್ಲಿ ಅಡಿಗಲ್ಲು ಹಾಕಲಾಯಿತು. 1812ರಲ್ಲಿ ಕಟ್ಟಡ ಮುಗಿಯಿತು. 1923ರಲ್ಲಿ ಬೆಂಕಿಗೆ ತುತ್ತಾದ ಇದನ್ನು ಪುನರ್ನಿರ್ಮಿಸಲಾಗಿದೆ. ಸಮೀಪದ ಕಬ್ಬನ್ ಉದ್ಯಾನದ ಅಂಚಿನಲ್ಲಿರುವ ವಿಕ್ಟೋರಿಯಾ ರಾಣಿಯ ಪ್ರತಿಮೆಯು 1906ರಲ್ಲಿ ಅನಾವರಣಗೊಂಡಿತು. ಉದ್ಯಾನದ ಒಂದು ಬದಿಗೆ ಪೇಟೆ, ಇನ್ನೊಂದು ಬದಿಗೆ ದಂಡು ಇದ್ದುವು.

ರಸ್ತೆಯ ಪೂರ್ವ ತುದಿಯಲ್ಲಿ ಸೈನಿಕರಿಗಾಗಿ ಕಟ್ಟಿದ, 1851ರಲ್ಲಿ ಪೂರ್ಣಗೊಂಡ ಹೋಲಿ ಟ್ರಿನಿಟಿ ಚರ್ಚ್ ಇದೆ. ಅದರ ಒಳಗೋಡೆಗಳಲ್ಲಿ ಬ್ರಿಟಿಷ್ ಅಧಿಕಾರಿಗಳ ಸ್ಮರಣ ಫಲಕಗಳಿವೆ. 1872ರಲ್ಲಿ ಹತನಾದ ವೈಸರಾಯ್ ಮೇಯೊನ ನೆನಪಿಗೆ ನಿರ್ಮಿಸಿದ ಮೇಯೊ ಹಾಲ್ ಇದೇ ಪರಿಸರದಲ್ಲಿದೆ. ಅದರ ಮೇಲ್ಮಹಡಿಯಲ್ಲಿ 2011ರಲ್ಲಿ ಕೆಂಪೇಗೌಡ ವಸ್ತುಸಂಗ್ರಹಾಲಯವನ್ನು ತೆರೆಯಲಾಯಿತು. ಬ್ರಿಟಿಷ್ ವೈಸರಾಯನ ಹೆಸರಿನ ಕಟ್ಟಡದಲ್ಲಿ ನಗರ ನಿರ್ಮಾತೃವಿನ ಸಂಗ್ರಹಾಲಯ ಇರುವುದು ನಗರದ ಎರಡು ಇತಿಹಾಸಗಳು ಒಂದೆಡೆ ಸೇರಿರುವುದಕ್ಕೆ ನಿದರ್ಶನವಾಗಿದೆ.

=== ಶಿವಾಜಿನಗರ ===

ಹಿಂದೆ ‘ಬ್ಲ್ಯಾಕ್‌ಪಲ್ಲಿ’ ಎಂದು ದಾಖಲೆಗಳಲ್ಲಿ ಕರೆಯಲಾಗುತ್ತಿದ್ದ ಈ ಬಡಾವಣೆ ದಂಡಿನ ಬಜಾರಾಗಿ ಬೆಳೆಯಿತು. ‘ಬಿಳಿ ಅಕ್ಕಿ ಪಳ್ಳಿ’ ಎಂಬುದು ಆಂಗ್ಲರ ಉಚ್ಚಾರಣೆಯಲ್ಲಿ ಹೀಗಾಯಿತೆಂಬುದು ಒಂದು ವಿವರಣೆ. ಇಲ್ಲಿನ ಸಂತ ಮೇರಿ ಬೆಸಿಲಿಕಾದ ಗೋಥಿಕ್ ಶೈಲಿಯ ಕಟ್ಟಡ 1882ರಲ್ಲಿ ಪ್ರತಿಷ್ಠಾಪಿತವಾಯಿತು. 1973ರಲ್ಲಿ ಅದಕ್ಕೆ ಬೆಸಿಲಿಕಾ ಪದವಿ ದೊರೆಯಿತು. ಸೆಪ್ಟೆಂಬರ್ 8ರಂದು ಕೊನೆಗೊಳ್ಳುವ ವಾರ್ಷಿಕ ಉತ್ಸವದಲ್ಲಿ ಸೀರೆಯುಟ್ಟ ಮಾತೆಯ ಮೂರ್ತಿಯನ್ನು ತೇರಿನಲ್ಲಿ ಮೆರೆಸಲಾಗುತ್ತದೆ. ಮತಭೇದವಿಲ್ಲದೆ ಜನರು ಇದರಲ್ಲಿ ಪಾಲ್ಗೊಳ್ಳುತ್ತಾರೆ.

ಬೆಸಿಲಿಕಾಕ್ಕೆ ಅನತಿ ದೂರದಲ್ಲಿ 1927ರಲ್ಲಿ ನಿರ್ಮಿತವಾದ ರಸೆಲ್ ಮಾರುಕಟ್ಟೆಯಿದೆ. ತರಕಾರಿ, ಹಣ್ಣು, ಹೂವು, ಮಾಂಸಗಳ ಮಳಿಗೆಗಳು ಒಂದೇ ಸೂರಿನಡಿ ಇರುವ ಈ ಕಟ್ಟಡವು ಆಂಗ್ಲ ಹಾಗೂ ಇಂಡೋ ಸಾರಸೆನಿಕ್ ಶೈಲಿಗಳ ಮಿಶ್ರಣ. 2012ರ ಫೆಬ್ರುವರಿಯಲ್ಲಿ ಸಂಭವಿಸಿದ ಅಗ್ನಿ ಆಕಸ್ಮಿಕದಲ್ಲಿ ಇಲ್ಲಿನ ಅನೇಕ ಮಳಿಗೆಗಳು ಸುಟ್ಟುಹೋದವು. ವ್ಯಾಪಾರ ಮತ್ತೆ ಅದೇ ಸ್ಥಳದಲ್ಲಿ ಮುಂದುವರಿದಿದೆ. ಬೆಂಗಳೂರಿಗೆ ಮೊದಲ ರೈಲು ಮಾರ್ಗವು ಜೋಲಾರಪೇಟೆಯಿಂದ 1864ರಲ್ಲಿ ಬಂದು ತಲುಪಿದ ದಂಡು ರೈಲು ನಿಲ್ದಾಣವೂ ಈ ಭಾಗಕ್ಕೆ ಸಮೀಪವಾಗಿದೆ.

=== ಹಲಸೂರು ===

ದಂಡಿಗಿಂತ ಬಹಳ ಹಳೆಯದಾದ ಈ ಊರಿನ ಹೆಸರು ಹಲಸಿನ ತೋಪಿನಿಂದ ಬಂದಿತೆಂಬುದು ಪ್ರಚಲಿತ ಅಭಿಪ್ರಾಯ. ಇಲ್ಲಿನ ಸೋಮೇಶ್ವರ ದೇವಾಲಯದ ಮೂಲವನ್ನು ಚೋಳರ ಕಾಲಕ್ಕೆ ಒಯ್ಯಲಾಗುತ್ತದೆ. ವಿಜಯನಗರ ಶೈಲಿಯ ಗೋಪುರ ಮತ್ತು ಮಂಟಪಗಳು ಯಲಹಂಕ ನಾಡಪ್ರಭುಗಳ ಕಾಲದ ಸೇರ್ಪಡೆಗಳು. ತೆರೆದ ಮಂಟಪದಲ್ಲಿ 48 ಕೆತ್ತನೆಯ ಕಂಬಗಳಿವೆ. ಕೈಲಾಸವನ್ನೆತ್ತುವ ರಾವಣ, ಗಿರಿಜಾ ಕಲ್ಯಾಣ ಮೊದಲಾದ ಉಬ್ಬುಶಿಲ್ಪಗಳು ಗಮನಾರ್ಹ.

ಬಿ. ಎಲ್. ರೈಸ್ ದಾಖಲಿಸಿದ ಐತಿಹ್ಯದ ಪ್ರಕಾರ, ಬೇಟೆಗೆಂದು ದೂರ ಬಂದ ಕೆಂಪೇಗೌಡನು ದಣಿದು ಮರದ ನೆರಳಲ್ಲಿ ಮಲಗಿದಾಗ ಸೋಮೇಶ್ವರನು ಕನಸಿನಲ್ಲಿ ಕಾಣಿಸಿಕೊಂಡು, ಹುದುಗಿದ ನಿಧಿಯಿಂದ ಗುಡಿ ಕಟ್ಟಿಸೆಂದನು. ಇನ್ನೊಂದು ಐತಿಹ್ಯವು ಇದೇ ಕನಸನ್ನು ಆತನ ಪೂರ್ವಿಕ ಜಯಪ್ಪಗೌಡನದೆಂದು ಹೇಳುತ್ತದೆ. ದೇವಾಲಯದ ಸಮೀಪದ ಉತ್ಖನನದಲ್ಲಿ ಪ್ರಾಚೀನ ಕಲ್ಯಾಣಿಯೊಂದು ಬೆಳಕಿಗೆ ಬಂದಿದೆ. ಹಲಸೂರು ಕೆರೆ, ಅದರ ದಡದ ಗುರುದ್ವಾರ ಮತ್ತು ಮದ್ರಾಸ್ ಎಂಜಿನಿಯರ್ ಗ್ರೂಪ್‌ನ ಸೈನಿಕ ಕೇಂದ್ರ ಇಲ್ಲಿನ ಇತರ ಮುಖ್ಯ ಸ್ಥಳಗಳು. ಸೈನಿಕ ಕೇಂದ್ರಕ್ಕೆ ಅನುಮತಿಯಿಲ್ಲದೆ ಪ್ರವೇಶವಿಲ್ಲ.

=== ಇಂದಿರಾನಗರದಿಂದ ಕೃಷ್ಣರಾಜಪುರ ===

ಇಂದಿರಾನಗರ ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ ರೂಪುಗೊಂಡ ಬಡಾವಣೆ. ಅದಕ್ಕೆ ಹೊಂದಿಕೊಂಡ ದೊಮ್ಮಲೂರಿನ ಚೊಕ್ಕನಾಥಸ್ವಾಮಿ ದೇವಾಲಯದಲ್ಲಿ ಮಧ್ಯಯುಗೀನ ಶಾಸನಗಳಿವೆ. ಇವುಗಳಲ್ಲಿ ತಮಿಳು ಶಾಸನಗಳೂ ಸೇರಿವೆ. ಊರಿಗೆ ‘ದೇಸಿಮಾಣಿಕ್ಕಪಟ್ಟಣಂ’ ಎಂಬ ಇನ್ನೊಂದು ಹೆಸರಿದ್ದುದು ಶಾಸನಗಳಿಂದ ತಿಳಿದುಬರುತ್ತದೆ. ಬೆಂಗಳೂರು ಜಿಲ್ಲೆಯ ಶಾಸನಗಳನ್ನು ರೈಸ್ 1905ರಲ್ಲಿ ‘ಎಪಿಗ್ರಾಫಿಯಾ ಕರ್ನಾಟಿಕಾ’ದ ಒಂಬತ್ತನೆಯ ಸಂಪುಟದಲ್ಲಿ ಪ್ರಕಟಿಸಿದರು. ಹಳೆಯ ಮದರಾಸು ರಸ್ತೆಯಲ್ಲಿ ಪೂರ್ವಕ್ಕೆ ಸಾಗಿದರೆ ಕೃಷ್ಣರಾಜಪುರ ಸಿಗುತ್ತದೆ. ರೈಲು ಹಳಿಗಳ ಮೇಲೆ ಉಕ್ಕಿನ ಹಗ್ಗಗಳ ಆಧಾರದಿಂದ ನಿಂತಿರುವ ತೂಗುಸೇತುವೆ ಇಲ್ಲಿನ ಪರಿಚಿತ ಗುರುತು.

== ಟಿಕೆಟ್ ಮತ್ತು ಸಂಚಾರ ==

ಅರಮನೆ ಅಥವಾ ಕೋಟೆಯಲ್ಲಿ ಟಿಕೆಟ್ಟಿನ ಹಣ ಮುಖ್ಯವಾಗಿ ಪ್ರವೇಶಕ್ಕೆ ಸಲ್ಲುತ್ತದೆ. ದಂಡು ಪ್ರದೇಶದಲ್ಲಿ ನಡೆಯುವವನು ಧ್ವನಿ ಮಾರ್ಗದರ್ಶಿಗೆ ಹಣ ಕೊಟ್ಟರೆ ಅದು ನಿರೂಪಣೆಯ ಬೆಲೆ ಮಾತ್ರ. ದೇವಾಲಯ, ಚರ್ಚುಗಳ ಬಾಗಿಲು ಎಲ್ಲರಿಗೂ ಉಚಿತವಾಗಿಯೇ ತೆರೆದಿರುತ್ತದೆ. ಈ ವ್ಯತ್ಯಾಸವನ್ನು ತಿಳಿಯದೆ, ಟಿಕೆಟ್ ಕೊಂಡರೆ ಗರ್ಭಗುಡಿಯ ದರ್ಶನಕ್ಕೋ ಸೈನಿಕ ಆವರಣದ ಪ್ರವೇಶಕ್ಕೋ ಹಕ್ಕು ದೊರೆಯುತ್ತದೆಂದು ಭಾವಿಸುವುದು ತಪ್ಪು.

ಈ ತಾಣಗಳನ್ನು ಜೋಡಿಸುವ ಸಾಧನ ನಮ್ಮ ಮೆಟ್ರೊದ ನೇರಳೆ ಮಾರ್ಗ. 2011ರ ಅಕ್ಟೋಬರ್ 20ರಂದು ಆರಂಭವಾದ ಅದರ ಮೊದಲ ಹಂತವು ಬೈಯಪ್ಪನಹಳ್ಳಿಯಿಂದ ಮಹಾತ್ಮ ಗಾಂಧಿ ರಸ್ತೆಯವರೆಗೆ ಇತ್ತು. ಇಂದಿರಾನಗರ, ಹಲಸೂರು ಮತ್ತು ಟ್ರಿನಿಟಿ ನಿಲ್ದಾಣಗಳು ಇದರಲ್ಲಿ ಸೇರಿದ್ದವು. 2023ರಲ್ಲಿ ಕೃಷ್ಣರಾಜಪುರವೂ ಈ ಮಾರ್ಗಕ್ಕೆ ಸೇರಿತು. 2022ರ ನವೆಂಬರ್ 1ರಿಂದ ಮೊಬೈಲ್ ಮೂಲಕ ಕ್ಯೂಆರ್ ಟಿಕೆಟ್ ಪಡೆಯುವ ಸೌಲಭ್ಯ ಬಂದಿದೆ.

== ನಿರೂಪಣೆಯ ಸಮಸ್ಯೆಗಳು ==

ಮಾರ್ಗದರ್ಶಕನನ್ನು ಪ್ರಶ್ನಿಸಬಹುದು, ಮುದ್ರಿತ ಧ್ವನಿಯನ್ನು ಪ್ರಶ್ನಿಸಲಾಗದು. ಆದ್ದರಿಂದ ನಿರೂಪಣೆಯಲ್ಲಿ ಯಾವುದು ದಾಖಲೆ, ಯಾವುದು ಐತಿಹ್ಯ ಎಂಬ ವಿಂಗಡಣೆ ಅವಶ್ಯಕ. ಸೋಮೇಶ್ವರ ದೇವಾಲಯದ ಕನಸಿನ ಕಥೆ ಇದಕ್ಕೆ ಉತ್ತಮ ಉದಾಹರಣೆ. ಎರಡು ಪಾಠಗಳಲ್ಲಿ ಒಂದನ್ನೇ ಆರಿಸಿ ಇತಿಹಾಸವೆಂದು ಹೇಳಿದರೆ ಕೇಳುಗನಿಗೆ ಇನ್ನೊಂದು ಪಾಠವಿದೆಯೆಂಬುದೇ ತಿಳಿಯುವುದಿಲ್ಲ.

ಎರಡನೆಯದು ಆಯ್ಕೆಯ ಪ್ರಶ್ನೆ. ದಂಡು ಪ್ರದೇಶದ ಕಥೆಯನ್ನು 1809ರಿಂದ ಆರಂಭಿಸಿದರೆ ಅದು ಅಧಿಕಾರಿಗಳ, ಚರ್ಚುಗಳ ಮತ್ತು ಕ್ಲಬ್ಬುಗಳ ಕಥೆಯಾಗುತ್ತದೆ. ಹಲಸೂರು, ದೊಮ್ಮಲೂರುಗಳ ಶಾಸನ ಮತ್ತು ಶಿಲ್ಪಗಳಿಂದ ಆರಂಭಿಸಿದರೆ, ದಂಡು ಖಾಲಿ ಬಯಲಿನಲ್ಲಿ ಹುಟ್ಟಿದ್ದಲ್ಲ, ಕೆರೆ, ಗುಡಿ, ತೋಪುಗಳಿದ್ದ ಹಳ್ಳಿಗಳ ನಡುವೆ ನೆಲೆಯೂರಿದ್ದು ಎಂಬುದು ಸ್ಪಷ್ಟವಾಗುತ್ತದೆ. ಬಜಾರಿನ ವ್ಯಾಪಾರಿಗಳು ಮತ್ತು ಕಟ್ಟಡ ಕಟ್ಟಿದ ಕೂಲಿಗಳ ಹೆಸರಿನ ಫಲಕಗಳು ಇಲ್ಲದಿರುವುದರಿಂದ, ಫಲಕವನ್ನಷ್ಟೇ ಓದಿ ಹೇಳುವ ನಿರೂಪಣೆ ಅವರನ್ನು ಬಿಟ್ಟುಬಿಡುತ್ತದೆ.

ಮೂರನೆಯದು ಭಾಷೆ. ಆಂಗ್ಲ ನಿರೂಪಣೆಯನ್ನು ಮಾತ್ರ ಸಿದ್ಧಪಡಿಸಿದರೆ, ತಮ್ಮದೇ ಊರಿನ ಇತಿಹಾಸ ತಿಳಿಯಬಯಸುವ ಕನ್ನಡ ಶಾಲೆಗಳ ಮಕ್ಕಳು ಹೊರಗುಳಿಯುತ್ತಾರೆ. ಕನ್ನಡದೊಂದಿಗೆ ಈ ಭಾಗದ ಆಡುನುಡಿಗಳಾದ ತಮಿಳು ಮತ್ತು ಉರ್ದುವಿನಲ್ಲೂ ವಿವರಣೆ ಇದ್ದರೆ ನಿವಾಸಿಗಳೂ ಕೇಳುಗರಾಗುತ್ತಾರೆ. ದೃಷ್ಟಿದೋಷವುಳ್ಳವರಿಗೆ ಧ್ವನಿ ಮಾರ್ಗದರ್ಶಿ ವಿಶೇಷವಾಗಿ ಉಪಯುಕ್ತ. ಆದರೆ ಅದಕ್ಕೆ ಕಂಬದ ಎತ್ತರ, ಕಲ್ಲಿನ ಬಣ್ಣ, ಮೆಟ್ಟಿಲುಗಳ ಸಂಖ್ಯೆ ಮುಂತಾದವನ್ನು ವರ್ಣಿಸುವ ಬೇರೆಯೇ ಪಾಠ ಬೇಕಾಗುತ್ತದೆ.

== ಸಂರಕ್ಷಣೆಯೊಂದಿಗೆ ಸಂಬಂಧ ==

ನಗರ ವಿಸ್ತಾರದ ಭರದಲ್ಲಿ ಬೆಂಗಳೂರು ಪರಿಸರದ ಅನೇಕ ಶಾಸನಗಲ್ಲುಗಳು ಮತ್ತು ವೀರಗಲ್ಲುಗಳು ನಾಶವಾಗಿವೆ. 2018ರಲ್ಲಿ ಹೆಬ್ಬಾಳದಲ್ಲಿ ಸುಮಾರು ಕ್ರಿ.ಶ. 750ರ ಕಿತ್ತಯ್ಯನ ಶಾಸನವು ಬೆಳಕಿಗೆ ಬಂದದ್ದು ಸಾರ್ವಜನಿಕರ ಗಮನವನ್ನು ಈ ಕಡೆ ಸೆಳೆಯಿತು. 1909ರಲ್ಲಿ ಸ್ಥಾಪಿತವಾದ ಮಿಥಿಕ್ ಸೊಸೈಟಿಯು ನಗರ ಪರಿಸರದ ಶಾಸನಗಳನ್ನು ಮೂರು ಆಯಾಮಗಳಲ್ಲಿ ಸ್ಕ್ಯಾನ್ ಮಾಡಿ ಡಿಜಿಟಲ್ ರೂಪದಲ್ಲಿ ಸಂರಕ್ಷಿಸುವ ಯೋಜನೆಯನ್ನು ಕೈಗೊಂಡಿದೆ. ಇಂಟ್ಯಾಕ್ ಸಂಸ್ಥೆಯ ಬೆಂಗಳೂರು ಘಟಕವು ಪಾರಂಪರಿಕ ನಡಿಗೆಗಳನ್ನು ನಡೆಸುತ್ತದೆ. ಮಾರ್ಗದರ್ಶಕರಿರುವ ಇಂತಹ ನಡಿಗೆಗಳಿಗೆ ಧ್ವನಿ ಮಾರ್ಗದರ್ಶಿ ಪೂರಕವೇ ಹೊರತು ಪರ್ಯಾಯವಲ್ಲ. ಏನೆಂದು ತಿಳಿಯದ ಕಲ್ಲು ಚಪ್ಪಡಿಯಾಗಿ ಚರಂಡಿಯ ಮೇಲೆ ಬೀಳುತ್ತದೆ. ಅದರ ಬರಹದ ಅರ್ಥವನ್ನು ನೆರೆಯವರು ಕೇಳಿ ತಿಳಿದಿದ್ದರೆ ಅದು ಉಳಿಯುವ ಸಂಭವ ಹೆಚ್ಚು.

== ಇವನ್ನೂ ನೋಡಿ ==

* ಬೆಂಗಳೂರು ದಂಡು
* ಹಲಸೂರು ಸೋಮೇಶ್ವರ ದೇವಾಲಯ
* ರಸೆಲ್ ಮಾರುಕಟ್ಟೆ
* ಎಪಿಗ್ರಾಫಿಯಾ ಕರ್ನಾಟಿಕಾ
* ನಮ್ಮ ಮೆಟ್ರೊ