ಆಂಟಿಲೋಪ್ ಕ್ಯಾನ್ಯನ್ – ಹಾರ್ಸ್‌ಶೂ ಬೆಂಡ್: ಒಂದು ದಿನದ ಪ್ರವಾಸದ ಇತಿಹಾಸ

ಅಮೆರಿಕದ ಅರಿಝೋನಾ ರಾಜ್ಯದ ಉತ್ತರದ ಅಂಚಿನಲ್ಲಿ, ಯೂಟಾ ಗಡಿಯ ಸಮೀಪ, ಪೇಜ್ ಎಂಬ ಸಣ್ಣ ಊರಿದೆ. ಊರಿನ ಒಂದು ಪಕ್ಕದಲ್ಲಿ, ನವಾಹೊ ಬುಡಕಟ್ಟಿನ ನೆಲದಲ್ಲಿ, ಆಂಟಿಲೋಪ್ ಕ್ಯಾನ್ಯನ್ ಎಂಬ ಇಕ್ಕಟ್ಟಾದ ಕಮರಿ. ಇನ್ನೊಂದು ಪಕ್ಕದಲ್ಲಿ ಕೊಲೊರಾಡೊ ನದಿ ಕುದುರೆಲಾಳದ ಆಕಾರದಲ್ಲಿ ಸುತ್ತಿ ಹರಿಯುವ ಹಾರ್ಸ್‌ಶೂ ಬೆಂಡ್. ಬೆಳಗ್ಗೆ ಕಮರಿಯೊಳಗೆ ನಡೆದು, ಮಧ್ಯಾಹ್ನ ಪ್ರಪಾತದ ಅಂಚಿನಿಂದ ನದಿ ನೋಡಿ, ರಾತ್ರಿಯೊಳಗೆ ಹಿಂದಿರುಗುವ ಪ್ರವಾಸ ಇಂದು ಈ ಭಾಗದ ಅತಿ ಜನಪ್ರಿಯ ಪ್ರವಾಸಗಳಲ್ಲಿ ಒಂದು. ಫ್ಲ್ಯಾಗ್‌ಸ್ಟಾಫ್, ಫೀನಿಕ್ಸ್, ಲಾಸ್ ವೇಗಸ್‌ಗಳಿಂದ ವ್ಯಾನುಗಳು ಹೊರಡುತ್ತವೆ. ಲಾಸ್ ವೇಗಸ್‌ನಿಂದ ಪೇಜ್‌ಗೆ ಸುಮಾರು 440 ಕಿ.ಮೀ. ಇರುವುದರಿಂದ ಅಲ್ಲಿನ ವ್ಯಾನುಗಳು ಬೆಳಕು ಹರಿಯುವ ಮುಂಚೆಯೇ ಹೊರಡುತ್ತವೆ. ರಜೆಗೆಂದು ನೆವಾಡಾ, ಅರಿಝೋನಾ ಕಡೆ ಹೊರಡುವ ಅಮೆರಿಕದ ಕನ್ನಡಿಗ ಕುಟುಂಬಗಳಿಗೂ, ಊರಿನಿಂದ ಬಂದ ಅಪ್ಪ ಅಮ್ಮಂದಿರಿಗೆ ಅಮೆರಿಕ ತೋರಿಸುವವರಿಗೂ ಇದು ಪರಿಚಿತ ದಾರಿ.

ಕಮರಿ, ನದಿ ಎರಡೂ ಬಹಳ ಹಳೆಯವು. ಅವುಗಳನ್ನು ಒಂದೇ ಹಗಲಿನಲ್ಲಿ ನೋಡಿಬರುವ ಅನುಕೂಲ ಮಾತ್ರ ತೀರಾ ಇತ್ತೀಚಿನದು. ಅದು ಒದಗಿದ್ದು ಒಂದು ಅಣೆಕಟ್ಟಿನಿಂದ. ಗೈಡ್ ಇಲ್ಲದೆ ಕಮರಿಗೆ ಇಳಿಯಬಾರದೆಂಬ ನಿಯಮದ ಹಿಂದೆ ನೆಲದ ಒಡೆತನವಿದೆ. ಆ ನಿಯಮ ಏಕೆ ಬೇಕೆಂದು ಲೋಕಕ್ಕೆ ತಿಳಿಸಿದ್ದು ಹನ್ನೊಂದು ಜನರ ಸಾವು.

ಕಲ್ಲು ಮತ್ತು ನೀರು

ಇಲ್ಲಿನ ಕಲ್ಲಿಗೆ ನವಾಹೊ ಮರಳುಗಲ್ಲು ಎಂದು ಹೆಸರು. ಜುರಾಸಿಕ್ ಯುಗದಲ್ಲಿ, ಸುಮಾರು 19 ಕೋಟಿ ವರ್ಷಗಳ ಹಿಂದೆ, ಈ ಭಾಗವೆಲ್ಲ ಗಾಳಿಗೆ ಸರಿದಾಡುವ ಮರಳುದಿಬ್ಬಗಳ ಮರುಭೂಮಿಯಾಗಿತ್ತು. ಆ ಮರಳೇ ಒತ್ತಡಕ್ಕೆ ಸಿಕ್ಕಿ ಕಲ್ಲಾಯಿತು. ಕಮರಿಯ ಗೋಡೆಯನ್ನು ಹತ್ತಿರದಿಂದ ನೋಡಿದರೆ ಓರೆಯಾಗಿ ಸಾಗುವ ತೆಳುಗೆರೆಗಳು ಕಾಣುತ್ತವೆ. ಒಂದೊಂದು ಗೆರೆಯೂ ಅಂದಿನ ದಿಬ್ಬದ ಇಳಿಜಾರಿನಲ್ಲಿ ಕೂತ ಮರಳಿನ ಪದರ. ಕೆಂಪು, ಕಿತ್ತಳೆ ಬಣ್ಣ ಕಬ್ಬಿಣದ ಆಕ್ಸೈಡಿನದು. ಮೇಲಿನ ಬಿರುಕಿನಿಂದ ಬಿದ್ದ ಬೆಳಕು ಗೋಡೆಯಿಂದ ಗೋಡೆಗೆ ಪುಟಿಯುತ್ತ ಕೆಳಗಿಳಿಯುತ್ತದೆ. ಹಾಗಾಗಿ ಮೇಲುಗಡೆ ಹಳದಿಯಾಗಿ ಕಾಣುವ ಕಲ್ಲು ಆಳಕ್ಕೆ ಹೋದಂತೆ ಕೆಂಪಾಗಿ, ಕೊನೆಗೆ ನೇರಳೆಯಾಗಿ ಕಾಣುತ್ತದೆ.

ಕಮರಿಯನ್ನು ಕೊರೆದದ್ದು ನಿತ್ಯ ಹರಿಯುವ ನದಿಯಲ್ಲ. ವರ್ಷದ ಬಹುಪಾಲು ಒಣಗಿರುವ ಹಳ್ಳಕ್ಕೆ ಮಳೆಗಾಲದಲ್ಲಿ ದಿಢೀರನೆ ನೀರು ನುಗ್ಗಿ, ಹೊತ್ತು ತಂದ ಮರಳಿನಿಂದಲೇ ಬಿರುಕುಗಳನ್ನು ಉಜ್ಜಿ ಅಗಲಿಸಿದೆ. ಆ ಕೆಲಸ ಇನ್ನೂ ನಿಂತಿಲ್ಲ. ಪ್ರತಿ ನೆರೆಯೂ ಮರಳನ್ನು ತಂದು ಸುರಿಯುತ್ತದೆ, ಇಲ್ಲವೇ ಕೆದಕಿ ಒಯ್ಯುತ್ತದೆ. ಆದ್ದರಿಂದ ಕಮರಿಯ ನೆಲದ ಮಟ್ಟ ಆಗಾಗ ಏರಿಳಿಯುತ್ತಿರುತ್ತದೆ.

ಹಾರ್ಸ್‌ಶೂ ಬೆಂಡಿನದು ಬೇರೆ ಕಥೆ. ಸಮತಟ್ಟಾದ ನೆಲದಲ್ಲಿ ನಿಧಾನವಾಗಿ ಅಂಕುಡೊಂಕಾಗಿ ಹರಿಯುತ್ತಿದ್ದ ನದಿ, ಕೊಲೊರಾಡೊ ಪ್ರಸ್ಥಭೂಮಿ ಮೇಲೆದ್ದಾಗ ತನ್ನ ಹಳೆಯ ಪಾತ್ರದಲ್ಲೇ ಸಿಕ್ಕಿಕೊಂಡಿತು. ಪಕ್ಕಕ್ಕೆ ಸರಿಯಲಾಗದೆ ಅದೇ ತಿರುವಿನಲ್ಲಿ ಕೆಳಕ್ಕೆ ಕೊರೆಯುತ್ತ ಹೋಯಿತು. ವೀಕ್ಷಣಾ ಸ್ಥಳದಿಂದ ನದಿಯ ಮಟ್ಟಕ್ಕೆ ಸುಮಾರು 300 ಮೀಟರ್ ಆಳ.

ಅಣೆಕಟ್ಟಿಗೆ ಮುಂಚೆ

ಈ ಸೀಮೆಗೆ ಬಂದ ಹೊರಗಿನವರಿಗೆ ಕಮರಿಗಳು ನೋಟವಾಗಿರಲಿಲ್ಲ, ದಾರಿಗೆ ಅಡ್ಡಿಯಾಗಿದ್ದವು. 1776ರಲ್ಲಿ ಡೊಮಿಂಗೆಸ್ ಮತ್ತು ಎಸ್ಕಲಾಂಟೆ ಎಂಬ ಸ್ಪ್ಯಾನಿಷ್ ಪಾದ್ರಿಗಳ ತಂಡ ಕೊಲೊರಾಡೊ ದಾಟಲು ಜಾಗ ಸಿಗದೆ ದಿನಗಟ್ಟಲೆ ಅಲೆದು, ನವೆಂಬರ್‌ನಲ್ಲಿ ಬಂಡೆಗೆ ಮೆಟ್ಟಿಲು ಕಡಿದು ಹೊಳೆಗೆ ಇಳಿಯಿತು. ಅವರು ದಾಟಿದ ಕಡವು ಈಗ ಅಣೆಕಟ್ಟಿನ ಹಿಂದಿನ ಜಲಾಶಯದ ತಳದಲ್ಲಿದೆ. 1869ರಲ್ಲಿ ಜಾನ್ ವೆಸ್ಲಿ ಪೊವೆಲ್, ಅಂತರ್ಯುದ್ಧದಲ್ಲಿ ಒಂದು ತೋಳು ಕಳೆದುಕೊಂಡವನು, ಮರದ ದೋಣಿಗಳಲ್ಲಿ ಈ ನದಿಯನ್ನು ಇಳಿದು ಗ್ಲೆನ್ ಕ್ಯಾನ್ಯನ್‌ಗೆ ಆ ಹೆಸರಿಟ್ಟ. 1870ರ ದಶಕದಲ್ಲಿ ಜಾನ್ ಡಿ. ಲೀ ಆರಂಭಿಸಿದ ದೋಣಿಕಡವು, ಲೀಸ್ ಫೆರಿ, ಅರ್ಧ ಶತಮಾನದವರೆಗೆ ಈ ಭಾಗದಲ್ಲಿ ನದಿ ದಾಟುವವರ ಆಸರೆ. 1929ರಲ್ಲಿ ನವಾಹೊ ಸೇತುವೆ ತೆರೆದ ಮೇಲೆ ಅದರ ಕಾಲ ಮುಗಿಯಿತು.

ಇಷ್ಟರಲ್ಲಿ ದಕ್ಷಿಣದ ಗ್ರ್ಯಾಂಡ್ ಕ್ಯಾನ್ಯನ್‌ನಲ್ಲಿ ಪ್ರವಾಸೋದ್ಯಮ ಬೇರೂರಿತ್ತು. 1901ರಲ್ಲಿ ಸಾಂಟಾ ಫೆ ರೈಲು ಅಲ್ಲಿನ ದಕ್ಷಿಣ ಅಂಚಿಗೇ ಬಂತು. 1905ರಲ್ಲಿ ಎಲ್ ಟೊವಾರ್ ಹೋಟೆಲ್ ತೆರೆಯಿತು. ಫ್ರೆಡ್ ಹಾರ್ವಿ ಕಂಪನಿ ಊಟ, ವಸತಿ, ಗಾಡಿ, ಹೇಸರಗತ್ತೆ ಸವಾರಿ ಎಲ್ಲವನ್ನೂ ಒಂದೇ ಕೈಯಿಂದ ಒದಗಿಸಿ, ಅಂಚಿನಲ್ಲಿ ನಿಂತು ಆಳ ನೋಡುವುದನ್ನೇ ಒಂದು ಪ್ರವಾಸವಾಗಿ ರೂಪಿಸಿತು. 1926ರಲ್ಲಿ ಅದೇ ಕಂಪನಿ ನ್ಯೂ ಮೆಕ್ಸಿಕೊದಲ್ಲಿ ತರಬೇತಾದ ಮಹಿಳಾ ಗೈಡ್‌ಗಳೊಂದಿಗೆ ಮೋಟಾರು ಪ್ರವಾಸಗಳನ್ನು ಶುರುಮಾಡಿತು. ಇಂದಿನ ಪೇಜ್ ವ್ಯಾನುಗಳ ಪೂರ್ವಿಕರನ್ನು ಹುಡುಕುವವರು ಅಲ್ಲಿಗೇ ಹೋಗಬೇಕು.

ಪೇಜ್‌ನ ಸುತ್ತಿನ ನೆಲಕ್ಕೆ ಮಾತ್ರ ರೈಲೂ ಇರಲಿಲ್ಲ, ಟಾರು ರಸ್ತೆಯೂ ಇರಲಿಲ್ಲ. ಇಲ್ಲಿ ದಾರಿ ತಿಳಿದಿದ್ದವರು ನವಾಹೊ ಮತ್ತು ಪಯೂಟ್ ಜನ. 1909ರ ಆಗಸ್ಟ್‌ನಲ್ಲಿ ಪ್ರೊಫೆಸರ್ ಬೈರನ್ ಕಮಿಂಗ್ಸ್ ಮತ್ತು ಸರ್ವೇಯರ್ ವಿಲಿಯಂ ಡಗ್ಲಸ್ ತಂಡಗಳು ರೇನ್‌ಬೋ ಬ್ರಿಜ್ ಎಂಬ ದೈತ್ಯ ಕಲ್ಲುಕಮಾನನ್ನು 'ಕಂಡುಹಿಡಿದವು' ಎಂದು ಪುಸ್ತಕಗಳು ಹೇಳುತ್ತವೆ. ಅವರನ್ನು ಅಲ್ಲಿಗೆ ಕರೆದೊಯ್ದವರು ಪಯೂಟ್ ಗೈಡ್‌ಗಳಾದ ನಾಸ್ಜಾ ಬೆಗೇ ಮತ್ತು ಜಿಮ್ ಮೈಕ್. ಜೊತೆಗಿದ್ದವನು ನವಾಹೊ ನಾಡಿನಲ್ಲಿ ಮಳಿಗೆ ಇಟ್ಟಿದ್ದ ಜಾನ್ ವೆದರಿಲ್. ಈ ಮೂವರ ಹೆಸರಿಗೆ ಪುಸ್ತಕಗಳು ಕೊಟ್ಟ ಜಾಗ ಕಡಿಮೆಯಾಯಿತು ಎಂದೇ ಹೇಳಬೇಕು. 1913ರಲ್ಲಿ ಮಾಜಿ ಅಧ್ಯಕ್ಷ ಥಿಯೊಡರ್ ರೂಸ್‌ವೆಲ್ಟ್ ಕೂಡ ಇದೇ ದಾರಿಯಲ್ಲಿ ಕುದುರೆಯೇರಿ ಅಲ್ಲಿಗೆ ಹೋದ. ಹೋಗಿಬರಲು ಆಗ ದಿನಗಟ್ಟಲೆ ಬೇಕಿತ್ತು. ಇಂದು ಜಲಾಶಯದ ಮೇಲೆ ದೋಣಿಯಲ್ಲಿ ಹೋದರೆ ಅದೂ ಒಂದು ಹಗಲಿನ ಕೆಲಸ.

ಅಣೆಕಟ್ಟು ತಂದ ಊರು

1956ರ ಅಕ್ಟೋಬರ್ 15ರಂದು ಅಧ್ಯಕ್ಷ ಐಸೆನ್‌ಹೋವರ್ ವಾಷಿಂಗ್ಟನ್‌ನಲ್ಲಿ ಗುಂಡಿ ಒತ್ತಿದಾಗ ಗ್ಲೆನ್ ಕ್ಯಾನ್ಯನ್‌ನಲ್ಲಿ ಅಣೆಕಟ್ಟಿನ ಕೆಲಸದ ಮೊದಲ ಸಿಡಿಮದ್ದು ಸಿಡಿಯಿತು. ಕೆಲಸಗಾರರಿಗಾಗಿ 1957ರಲ್ಲಿ ಬಟಾಬಯಲು ದಿಣ್ಣೆಯೊಂದರ ಮೇಲೆ ಊರು ಕಟ್ಟಿದರು. ಆ ದಿಣ್ಣೆ ನವಾಹೊ ನೆಲ. ಯೂಟಾದಲ್ಲಿ ಬೇರೆ ಜಮೀನು ಕೊಟ್ಟು ಸರ್ಕಾರ ಇದನ್ನು ಪಡೆಯಿತು. ಜಲ ಇಲಾಖೆಯ ಕಮಿಷನರ್ ಆಗಿದ್ದ ಜಾನ್ ಸಿ. ಪೇಜ್ ಹೆಸರನ್ನು ಊರಿಗಿಟ್ಟರು. 1959ರಲ್ಲಿ ಕಮರಿಯ ಮೇಲೆ ಉಕ್ಕಿನ ಸೇತುವೆ ಬಂದು, ಅದರೊಂದಿಗೆ ಹೆದ್ದಾರಿಯೂ ಬಂತು. 216 ಮೀಟರ್ ಎತ್ತರದ ಅಣೆಕಟ್ಟು 1963ರ ಮಾರ್ಚ್‌ನಲ್ಲಿ ನೀರು ಹಿಡಿಯತೊಡಗಿತು. ಪೊವೆಲ್ ಜಲಾಶಯ ಪೂರ್ತಿ ತುಂಬಲು 17 ವರ್ಷ ಹಿಡಿಯಿತು, ತುಂಬಿದ್ದು 1980ರಲ್ಲಿ.

ಊರು, ಹೆದ್ದಾರಿ, ಜಲಾಶಯ ಬಂದದ್ದಕ್ಕೆ ಕೊಟ್ಟ ಬೆಲೆ ದೊಡ್ಡದು. ಗ್ಲೆನ್ ಕ್ಯಾನ್ಯನ್‌ನ ಪಕ್ಕದ ನೂರಾರು ಕೊರಕಲುಗಳು, ಪ್ರಾಚೀನ ನೆಲೆಗಳು ನೀರಿನಡಿ ಹೋದವು. ಎಲಿಯಟ್ ಪೋರ್ಟರ್ ತೆಗೆದ ಕಮರಿಯ ಚಿತ್ರಗಳ ಪುಸ್ತಕವನ್ನು ಸಿಯೆರಾ ಕ್ಲಬ್ ಎಂಬ ಪರಿಸರ ಸಂಘಟನೆ 1963ರಲ್ಲಿ ಪ್ರಕಟಿಸಿದಾಗ ಬಹಳ ತಡವಾಗಿತ್ತು. ಆ ಪುಸ್ತಕ ನೋಡಿದವರಿಗೆ ಒಂದು ವಿಷಯ ಹೊಳೆಯದೆ ಇರದು: ಆಂಟಿಲೋಪ್ ಕ್ಯಾನ್ಯನ್‌ಗೆ ಇಂದು ಮುಗಿಬೀಳುವ ಜನ ನೋಡಲು ಬರುವಂಥದೇ ಚೆಲುವು ಅಲ್ಲಿ ಮುಳುಗಿಹೋಯಿತು.

ನದಿಯ ಬಣ್ಣವೂ ಬದಲಾಯಿತು. ಮುಂಚೆ ಹೂಳು ತುಂಬಿ ಕೆಂಪಗೆ ಹರಿಯುತ್ತಿದ್ದ ಕೊಲೊರಾಡೊ, ಈಗ ಹೂಳನ್ನೆಲ್ಲ ಜಲಾಶಯದಲ್ಲಿ ಬಿಟ್ಟು, ಆಳದ ತಣ್ಣನೆಯ ನೀರಾಗಿ ಹೊರಬರುತ್ತದೆ. ಹಾರ್ಸ್‌ಶೂ ಬೆಂಡಿನ ಚಿತ್ರಗಳಲ್ಲಿ ಎಲ್ಲರೂ ಮೆಚ್ಚುವ ಹಸಿರು ನೀರು, ಎಂಟು ಕಿ.ಮೀ. ಮೇಲಿರುವ ಅಣೆಕಟ್ಟಿನ ಫಲ.

ನವಾಹೊ ನೆಲ, ನವಾಹೊ ಗೈಡ್

ಆಂಟಿಲೋಪ್ ಕ್ಯಾನ್ಯನ್‌ನಲ್ಲಿ ಎರಡು ಭಾಗ. 98ನೆಯ ಹೆದ್ದಾರಿಯ ದಕ್ಷಿಣಕ್ಕೆ 'ಅಪ್ಪರ್', ಉತ್ತರಕ್ಕೆ 'ಲೋವರ್'. ಅಪ್ಪರ್ ಸುಮಾರು 200 ಮೀಟರ್ ಉದ್ದ. ನೆಲಮಟ್ಟದಲ್ಲೇ ಒಳಹೋಗಬಹುದು, ತಳ ಅಗಲ, ಮೇಲೆ ಕಿರಿದು. ಮರಳ ಹಳ್ಳದಲ್ಲಿ ಜೀಪು, ಟ್ರಕ್ಕುಗಳು ಕುಲುಕಾಡುತ್ತ ಬಾಗಿಲವರೆಗೆ ಕರೆದೊಯ್ಯುತ್ತವೆ. ಲೋವರ್ ಅದರ ಎರಡರಷ್ಟು ಉದ್ದ. ಮೇಲೆ ಅಗಲ, ತಳದಲ್ಲಿ ಕೆಲವೆಡೆ ಒಂದು ಪಾದ ಇಡುವಷ್ಟೇ ಜಾಗ. ಅಲ್ಲಿಗೆ ಏಣಿಮೆಟ್ಟಿಲು ಇಳಿದೇ ಹೋಗಬೇಕು.

ನವಾಹೊ ಕುರಿಗಾಹಿ ಕುಟುಂಬಗಳು ತಲೆಮಾರುಗಳಿಂದ ಈ ಕಮರಿಗಳನ್ನು ಬಲ್ಲವು. ಬುಡಕಟ್ಟು 1958ರಲ್ಲೇ ಮಾನ್ಯುಮೆಂಟ್ ವ್ಯಾಲಿಯನ್ನು ತನ್ನದೇ ಉದ್ಯಾನವಾಗಿ ಮಾಡಿಕೊಂಡು, ಇಂಥ ಜಾಗಗಳನ್ನು ಕೇಂದ್ರ ಸರ್ಕಾರಕ್ಕೆ ಒಪ್ಪಿಸದೆ ತಾನೇ ನಡೆಸಬಹುದೆಂದು ತೋರಿಸಿತ್ತು. 1997ರಲ್ಲಿ ಆಂಟಿಲೋಪ್ ಕ್ಯಾನ್ಯನ್ ಕೂಡ ನವಾಹೊ ಬುಡಕಟ್ಟು ಉದ್ಯಾನವಾಯಿತು. ಪರವಾನಗಿ ಪಡೆದ ಗೈಡ್ ಇಲ್ಲದೆ ಅಂದಿನಿಂದ ಯಾರಿಗೂ ಒಳಗೆ ಪ್ರವೇಶವಿಲ್ಲ.

ದುರಂತ ನಡೆದದ್ದೂ ಅದೇ ವರ್ಷ. ಆಗಸ್ಟ್ 12ರಂದು ಲೋವರ್ ಕಮರಿಯೊಳಗೆ 12 ಜನ ಇದ್ದರು. ಕಮರಿಯ ಬಳಿ ಮಳೆ ಹೆಚ್ಚೇನೂ ಇರಲಿಲ್ಲ. ಹಳ್ಳದ ಮೇಲ್ಭಾಗದಲ್ಲಿ, ಕಣ್ಣಿಗೆ ಕಾಣದಷ್ಟು ದೂರದಲ್ಲಿ, ಗುಡುಗುಮಳೆ ಸುರಿದಿತ್ತು. ಗಟ್ಟಿ ಬಂಡೆಯ ನೆಲ ನೀರು ಹೀರುವುದಿಲ್ಲ. ಬಿದ್ದದ್ದೆಲ್ಲ ಹರಿದು ಹಳ್ಳ ಸೇರಿ, ಆ ಇಕ್ಕಟ್ಟಿಗೆ ನುಗ್ಗಿದಾಗ ನೋಡನೋಡುತ್ತಲೇ ಮಟ್ಟ ಏರಿತು. ಇಳಿಯಲು ಇಟ್ಟಿದ್ದ ಮರದ ಏಣಿಗಳು ಕೊಚ್ಚಿಹೋದವು. ಫ್ರಾನ್ಸ್, ಬ್ರಿಟನ್, ಸ್ವೀಡನ್, ಅಮೆರಿಕಗಳಿಂದ ಬಂದಿದ್ದ 11 ಪ್ರವಾಸಿಗರು ಸತ್ತರು. ಬದುಕಿದ್ದು ಒಬ್ಬ ಗೈಡ್ ಮಾತ್ರ. ಇಬ್ಬರ ದೇಹ ಸಿಗಲೇ ಇಲ್ಲ.

ಇಂದಿನ ಪ್ರವಾಸದ ಎಷ್ಟೋ ವ್ಯವಸ್ಥೆಗಳ ಹಿಂದೆ ಆ ದಿನವಿದೆ. ಮರದ ಏಣಿಗಳ ಜಾಗದಲ್ಲಿ ಬಂಡೆಗೆ ಬೋಲ್ಟ್ ಹಾಕಿ ಕೂರಿಸಿದ ಉಕ್ಕಿನ ಮೆಟ್ಟಿಲುಗಳು ಬಂದವು. ಅಪಾಯದಲ್ಲಿ ಹತ್ತಿ ಪಾರಾಗಲು ಮೇಲಿನಿಂದ ಬಿಡುವ ಹಗ್ಗದ ಬಲೆಗಳು ಬಂದವು. ಪ್ರವೇಶದ್ವಾರದಲ್ಲಿ ಹವಾಮಾನ ರೇಡಿಯೊ ಕೂತಿತು, ಎಚ್ಚರಿಕೆಯ ಸೈರನ್ ಬಂತು. ಹಳ್ಳದ ಮೇಲ್ಭಾಗದ ಆಕಾಶ ಹೇಗಿದೆ ಎಂಬುದು ಗೈಡ್‌ಗಳ ನಿತ್ಯದ ವಿಚಾರಣೆಯಾಯಿತು. ಇಷ್ಟಾದರೂ ನೆರೆ ನಿಂತಿಲ್ಲ: 2006ರಲ್ಲಿ ಬಂದ ನೆರೆಯಿಂದ ಲೋವರ್ ಕಮರಿಯನ್ನು ತಿಂಗಳುಗಟ್ಟಲೆ ಮುಚ್ಚಬೇಕಾಯಿತು.

ಚಿತ್ರಗಳು ತಂದ ಜನ

ಬೇಸಿಗೆಯ ನಡುಹಗಲಲ್ಲಿ ಅಪ್ಪರ್ ಕಮರಿಯ ಕತ್ತಲಿಗೆ ಬಿಸಿಲ ಕೋಲುಗಳು ನೇರ ಇಳಿಯುತ್ತವೆ. ಗಾಳಿಯಲ್ಲಿ ಧೂಳಿದ್ದರೆ ಮಾತ್ರ ಅವು ಎದ್ದು ಕಾಣುವುದು. ಹಾಗಾಗಿ ಗೈಡ್‌ಗಳು ಬೊಗಸೆ ಮರಳು ತೂರುವ ರೂಢಿ ಬೆಳೆಯಿತು. ಈ ಒಂದು ದೃಶ್ಯಕ್ಕಾಗಿ ಫೋಟೋಗ್ರಾಫರುಗಳು ದೇಶ ದೇಶಗಳಿಂದ ಬಂದರು. 2014ರಲ್ಲಿ ಪೀಟರ್ ಲಿಕ್ ಇಲ್ಲಿ ತೆಗೆದ 'ಫ್ಯಾಂಟಮ್' ಎಂಬ ಕಪ್ಪು-ಬಿಳುಪು ಚಿತ್ರ 65 ಲಕ್ಷ ಡಾಲರಿಗೆ ಮಾರಾಟವಾಯಿತೆಂದು ಆತನ ಕಡೆಯವರು ಪ್ರಕಟಿಸಿದರು. ಕೊಂಡವರ ಹೆಸರು ಹೊರಬರದ ಕಾರಣ ಆ ಬೆಲೆಯನ್ನು ಹಲವರು ಪ್ರಶ್ನಿಸಿದ್ದಾರೆ. ಬೆಲೆ ಏನೇ ಇರಲಿ, ಕಮರಿಯ ಹೆಸರು ಎಲ್ಲೆಡೆ ಹಬ್ಬಿತು. ನೂಕುನುಗ್ಗಲು ತಡೆಯಲಾಗದೆ ಟ್ರೈಪಾಡ್ ಹಿಡಿದು ಹೆಚ್ಚು ಹೊತ್ತು ನಿಲ್ಲುವವರ ಪ್ರತ್ಯೇಕ ಪ್ರವಾಸಗಳನ್ನು ನಿಲ್ಲಿಸಬೇಕಾಯಿತು. ಸರಿಯಾದ ತೀರ್ಮಾನ, ಆ ಇಕ್ಕಟ್ಟಿನಲ್ಲಿ ಒಬ್ಬರ ಚಿತ್ರಕ್ಕಾಗಿ ಐವತ್ತು ಜನ ಕಾಯುವುದು ಸಾಧ್ಯವಿಲ್ಲ.

ಹಾರ್ಸ್‌ಶೂ ಬೆಂಡ್ ಬಹುಕಾಲ ಪೇಜ್‌ನವರು ಸಂಜೆ ಹೋಗಿ ಕೂರುವ ಜಾಗವಾಗಿತ್ತು. ಮೊಬೈಲ್ ಚಿತ್ರಗಳ ಕಾಲ ಬಂದದ್ದೇ, ವರ್ಷಕ್ಕೆ ಹತ್ತು ಲಕ್ಷವನ್ನೂ ಮೀರಿ ಜನ ಬರತೊಡಗಿದರು. ಬೇಲಿಯಿಲ್ಲದ ಅಂಚಿನಿಂದ ಬಿದ್ದು ಸತ್ತವರೂ ಇದ್ದಾರೆ. 2018ರಲ್ಲಿ ಮುಖ್ಯ ವೀಕ್ಷಣಾ ಸ್ಥಳಕ್ಕೆ ಕಂಬಿಬೇಲಿ ಹಾಕಿದರು. ಅಂಚಿನ ಉಳಿದ ಭಾಗ ತೆರೆದೇ ಇದೆ. 2019ರಿಂದ ಪೇಜ್ ನಗರಸಭೆ ಪಾರ್ಕಿಂಗ್ ಶುಲ್ಕ ವಸೂಲು ಮಾಡುತ್ತಿದೆ.

ಇತ್ತೀಚಿನ ವರ್ಷಗಳು

ಈ ಪ್ರವಾಸ ಎಷ್ಟು ತೆಳುವಾದ ಎಳೆಯ ಮೇಲೆ ನಿಂತಿದೆ ಎಂಬುದು 2013ರ ಫೆಬ್ರವರಿಯಲ್ಲಿ ಗೊತ್ತಾಯಿತು. ಪೇಜ್‌ನ ದಕ್ಷಿಣಕ್ಕೆ 89ನೆಯ ಹೆದ್ದಾರಿ ಭೂಕುಸಿತದಿಂದ ಬಾಯ್ದೆರೆಯಿತು. ಮತ್ತೆ ತೆರೆದದ್ದು 2015ರಲ್ಲಿ. ಅಲ್ಲಿಯವರೆಗೆ ನವಾಹೊ ನೆಲದ ಮಣ್ಣುರಸ್ತೆಯೊಂದಕ್ಕೆ ಟಾರು ಹಾಕಿ ವಾಹನಗಳನ್ನು ಆ ದಾರಿಯಲ್ಲಿ ಬಿಟ್ಟರು.

2019ರ ನವೆಂಬರ್‌ನಲ್ಲಿ ಪೇಜ್ ಪಕ್ಕದ ನವಾಹೊ ಕಲ್ಲಿದ್ದಲು ವಿದ್ಯುತ್ ಸ್ಥಾವರ ಮುಚ್ಚಿತು. ಅಲ್ಲಿ ದುಡಿಯುತ್ತಿದ್ದವರಲ್ಲಿ ಬಹುಪಾಲು ನವಾಹೊ ಜನ. ಗೈಡ್ ಕೆಲಸ, ಹೋಟೆಲು, ವ್ಯಾನುಗಳ ಮೇಲೆ ಊರಿನ ಅವಲಂಬನೆ ಹೆಚ್ಚಿದ ಹೊತ್ತಿಗೇ ಕೋವಿಡ್ ಬಂತು. ನವಾಹೊ ನೇಷನ್‌ನಲ್ಲಿ, ಅಂದರೆ ಬುಡಕಟ್ಟಿನ ಆಡಳಿತವಿರುವ ನಾಡಿನಲ್ಲಿ, ಸೋಂಕು ತೀವ್ರವಾಗಿತ್ತು. 2020ರ ಮಾರ್ಚ್‌ನಲ್ಲಿ ಮುಚ್ಚಿದ ಉದ್ಯಾನಗಳನ್ನು ಬುಡಕಟ್ಟು ಸರ್ಕಾರ 2021ರ ಬೇಸಿಗೆಯವರೆಗೂ ತೆರೆಯಲಿಲ್ಲ. ವರ್ಷಕ್ಕೂ ಮೀರಿ ಆದಾಯ ಬಿಟ್ಟು ತನ್ನ ಹಿರಿಯರ ಜೀವ ಕಾಯಲು ನಿಂತ ಈ ನಿರ್ಧಾರಕ್ಕೆ ಸಿಗಬೇಕಾದಷ್ಟು ಗೌರವ ಸಿಕ್ಕಿಲ್ಲ.

ಇಂದು ಈ ಒಂದು ದಿನದ ದಾರಿಯಲ್ಲಿ ಮೂವರು ಒಡೆಯರು: ಕಮರಿ ನವಾಹೊ ನೇಷನ್ನಿನದು, ನದಿಯ ಅಂಚು ಕೇಂದ್ರ ಸರ್ಕಾರದ ಗ್ಲೆನ್ ಕ್ಯಾನ್ಯನ್ ಮನರಂಜನಾ ಪ್ರದೇಶದ್ದು, ವಾಹನ ನಿಲ್ಲಿಸುವ ಜಾಗ ನಗರಸಭೆಯ ವಶದಲ್ಲಿ. ಗಡಿಯಾರದಲ್ಲೂ ತೊಡಕಿದೆ. ನವಾಹೊ ನೇಷನ್ ಬೇಸಿಗೆಯಲ್ಲಿ ಗಡಿಯಾರವನ್ನು ಒಂದು ಗಂಟೆ ಮುಂದಿಡುತ್ತದೆ, ಅರಿಝೋನಾ ಇಡುವುದಿಲ್ಲ. ಕಮರಿಯ ಪ್ರವಾಸಗಳು ನಡೆಯುವುದು ಪೇಜ್ ಊರಿನ, ಅಂದರೆ ಅರಿಝೋನಾದ ಸಮಯಕ್ಕೆ. ಮೊಬೈಲ್ ಮಾತ್ರ ಯಾವ ಟವರ್ ಸಿಕ್ಕಿತೋ ಅದರ ಸಮಯ ತೋರಿಸುವುದರಿಂದ ಅದನ್ನೇ ನಂಬಬಾರದು. ಜುಲೈನಿಂದ ಸೆಪ್ಟೆಂಬರ್‌ವರೆಗೆ ಅಲ್ಲಿ ಮಳೆಗಾಲ. ಆಗ ಹೋಗುವವರು ಒಂದು ದಿನ ಹೆಚ್ಚಿಗೆ ಇಟ್ಟುಕೊಂಡು ಹೋಗುವುದು ಒಳ್ಳೆಯದು. ಗೈಡ್ 'ಇವತ್ತು ಇಳಿಯುವುದಿಲ್ಲ' ಎಂದರೆ, ತಲೆಯ ಮೇಲೆ ಎಷ್ಟೇ ಬಿಸಿಲಿರಲಿ, ವಾದಕ್ಕಿಳಿಯಬೇಡಿ.